ಮೋಡದ ಬೆಟ್ಟದ ಪಾಮ್: ಬೀಜದಿಂದ ಬೆಳೆಸಿದ ನನ್ನ ಅನುಭವ

ಅಡಿಕೆ ತೋಟದಲ್ಲಿ ಬೆಳೆದ ನನಗೆ ಸಸಿ ಮಾಡುವುದು ಹೊಸದೇನಲ್ಲ. ಆದರೆ ನ್ಯೂಜಿಲೆಂಡ್‌ನ ಆಕ್ಲೆಂಡ್‌ನಲ್ಲಿ ನನ್ನ ಹಿತ್ತಲಲ್ಲಿರುವ ಲೆಪಿಡೊರಾಕಿಸ್ ಮೂರಿಯಾನಾ ಎಂಬ ಪಾಮ್ ತೋಟದ ಲೆಕ್ಕಕ್ಕೆ ಸಿಗುವ ಗಿಡವಲ್ಲ. ಅದಕ್ಕೆ ಮೊದಲು ಬೇಕಾದದ್ದು ತಂಪು.

ಇದರ ತವರು ಆಸ್ಟ್ರೇಲಿಯಾದ ಲಾರ್ಡ್ ಹೋವ್ ದ್ವೀಪ. ಅಲ್ಲೂ 875 ಮೀಟರ್ ಎತ್ತರದ ಗೋವರ್ ಮತ್ತು ಪಕ್ಕದ ಲಿಡ್ಜ್‌ಬರ್ಡ್ ಬೆಟ್ಟಗಳ ತುದಿಯಲ್ಲಿ, ಮೋಡ ಮುಸುಕಿದ ಕಾಡಿನಲ್ಲಿ ಮಾತ್ರ ಇದೆ. 1918ರಲ್ಲಿ ಮಕಾಂಬೊ ಹಡಗು ದಡ ಹತ್ತಿ ನಿಂತಾಗ ಅದರಿಂದ ಇಲಿಗಳು ಇಳಿದವು. ಬೀಜ, ಎಳೆ ಸಸಿ ಎರಡನ್ನೂ ತಿಂದವು. ಹಳೆ ಮರಗಳು ಉಳಿದರೂ ಅವುಗಳ ಕೆಳಗೆ ಹೊಸ ಸಸಿ ಏಳಲಿಲ್ಲ. 2019ರಲ್ಲಿ ದ್ವೀಪದಾದ್ಯಂತ ಇಲಿ ನಿರ್ಮೂಲನೆ ನಡೆಯಿತು. ಆಮೇಲೆ ಸಸಿಗಳು ಮತ್ತೆ ಕಾಣಿಸುತ್ತಿವೆ. ಇದನ್ನು ಓದಿದ ದಿನ ನನಗಾದ ಖುಷಿ ಅಷ್ಟಿಷ್ಟಲ್ಲ.

ಬೀಜ ಕೊಂಡದ್ದು ಇಲ್ಲಿಯ ಬೆಳೆಗಾರರೊಬ್ಬರ ತೋಟದ ಮರದಿಂದಲೇ. ದ್ವೀಪದ ಕಾಡಿನಿಂದ ತಂದದ್ದಲ್ಲ ಎಂದು ಕೇಳಿ ಖಾತ್ರಿ ಮಾಡಿಕೊಂಡೆ. ಕೆಂಪು ಹಣ್ಣಿನ ಸಿಪ್ಪೆ, ತಿರುಳು ಉಜ್ಜಿ ತೆಗೆದು ಪ್ಯೂಮಿಸ್ (ಹಗುರವಾದ ಜ್ವಾಲಾಮುಖಿ ಕಲ್ಲು) ಮತ್ತು ಪೈನ್ ತೊಗಟೆ ಪುಡಿಯ ಮಿಶ್ರಣದಲ್ಲಿ ಮೇಲುಮೇಲೆ ಊರಿದೆ. ಪಾಮ್ ಬೆಳೆಸುವವರು ಟ್ರೇ ಅಡಿ ಇಡುವ ಹೀಟಿಂಗ್ ಮ್ಯಾಟ್ ನಾನು ಇಡಲಿಲ್ಲ. ಮನೆಯ ದಕ್ಷಿಣದ ಗೋಡೆ ಪಕ್ಕ ಇಟ್ಟೆ. ಇಲ್ಲಿ ಬಿಸಿಲು ಬೀಳದ ಮಗ್ಗುಲು ಅದೇ. ಮೊಳಕೆ ಒಟ್ಟಿಗೆ ಬರಲಿಲ್ಲ. ಕೆಲವು ಬೇಗ, ಕೆಲವು ಮರೆತೇ ಹೋದ ಮೇಲೆ. ಹಾಗಾಗಿ ಟ್ರೇ ಸುರಿದು ಚೆಲ್ಲಬೇಡಿ.

ಮೊದಲ ಎಲೆ ಅಡಿಕೆ ಸಸಿಯದ್ದರಂತೆಯೇ ಎರಡು ಸೀಳು. ಆಮೇಲಿನ ಬೆಳವಣಿಗೆ ಬಹಳ ನಿಧಾನ. ಎಲೆಯ ಬುಡದ ಹಾಳೆ ಕಾಂಡವನ್ನು ಪೂರ್ತಿ ಸುತ್ತುವುದಿಲ್ಲ, ಒಂದು ಬದಿ ಬಿರಿದಿರುತ್ತದೆ. ಅದು ರೋಗವಲ್ಲ, ಇದರ ಗುಣವೇ ಹಾಗೆ.

ಬೇಸಿಗೆಯಲ್ಲಿ ಸಂಜೆ ಎಲೆಗೆ, ಸುತ್ತಲ ನೆಲಕ್ಕೆ ಮಳೆನೀರು ಚಿಮುಕಿಸುತ್ತೇನೆ. ಮಣ್ಣು ಒಣಗಲು ಬಿಡುವುದಿಲ್ಲ, ಹಾಗಂತ ಕುಂಡದಲ್ಲಿ ನೀರು ನಿಲ್ಲಲೂಬಾರದು. ಗೊಬ್ಬರ ತೀರಾ ತೆಳು.

ಬೆಂಗಳೂರಿನ ಗೆಳೆಯರು ಆಗಾಗ ಬೀಜ ಕೇಳುತ್ತಾರೆ. ಏಪ್ರಿಲ್ ಸೆಕೆಯಲ್ಲಿ ಇದನ್ನು ಸುಮ್ನೆ ಒದ್ದಾಡಿಸುವುದು ಯಾಕೆ ಅಲ್ವಾ? ಅದೇ ದ್ವೀಪದ ತಗ್ಗಿನಲ್ಲಿ ಬೆಳೆಯುವ ಕೆಂಟಿಯಾ ಪಾಮ್ ಇದೆ. ಕುಂಡದಲ್ಲಿ, ನೆರಳಲ್ಲಿ ಅದು ಚೆನ್ನಾಗಿಯೇ ಬದುಕುತ್ತದೆ. ಅದನ್ನೇ ತನ್ನಿ ಎನ್ನುತ್ತೇನೆ.