ಸಿ ಡ್ರೈವ್ ತುಂಬಿದಾಗ ಗೇಮ್‌ಗಳನ್ನು ಬೇರೆ ಡ್ರೈವ್‌ಗೆ ಸಾಗಿಸಿದ್ದು: ನನ್ನ ಅನುಭವ

ಸಿ ಡ್ರೈವ್‌ನಲ್ಲಿ 9 ಜಿಬಿ ಮಾತ್ರ ಉಳಿದಿತ್ತು. ಒಂದು ಗೇಮ್‌ಗೆ 12 ಜಿಬಿ ಅಪ್‌ಡೇಟ್ ಬಂದಿತ್ತು, ಜಾಗ ಸಾಲದು ಅಂತ ನಿಂತೇಬಿಟ್ಟಿತು. ಬೇಡದ ಫೈಲ್‌ಗಳನ್ನು ಅಳಿಸಿ 20 ಜಿಬಿ ಮಾಡಿಕೊಂಡೆ, ಆದರೂ ಆಗಲಿಲ್ಲ. ಯಾಕೆ ಅಂತ ಆಮೇಲೆ ಅರ್ಥವಾಯಿತು. ಕೆಲವು ಗೇಮ್‌ಗಳು ತಮ್ಮ ಎಲ್ಲ ಸಾಮಗ್ರಿಯನ್ನು ನಾಲ್ಕೈದು ದೊಡ್ಡ ದೊಡ್ಡ ಫೈಲ್‌ಗಳಲ್ಲಿ ತುಂಬಿಟ್ಟಿರುತ್ತವೆ. ಅದರಲ್ಲಿ ಸ್ವಲ್ಪ ಬದಲಾದರೂ ಲಾಂಚರ್ (ಗೇಮ್‌ಗಳನ್ನು ಇಳಿಸಿ, ಓಡಿಸುವ ಆಪ್) ಮೊದಲು ಆ ದೊಡ್ಡ ಫೈಲನ್ನು ಹೊಸದಾಗಿ ಕಟ್ಟುತ್ತದೆ, ಆಮೇಲೆ ಹಳೆಯದನ್ನು ತೆಗೆಯುತ್ತದೆ. ಹಾಗಾಗಿ ಅಪ್‌ಡೇಟ್ ಎಷ್ಟು ಜಿಬಿಯೋ ಅದಕ್ಕಿಂತ ಜಾಸ್ತಿ ಜಾಗ ಖಾಲಿ ಇರಬೇಕಾಗುತ್ತದೆ.

ನನ್ನ ಸಿ ಡ್ರೈವ್ 500 ಜಿಬಿಯ ಸಾಟಾ ಎಸ್‌ಎಸ್‌ಡಿ. ವಿಂಡೋಸ್ ಅದನ್ನು 465 ಅಂತ ತೋರಿಸುತ್ತದೆ. ಡಬ್ಬದ ಮೇಲೆ ಬರೆಯುವುದು 1000ದ ಲೆಕ್ಕ, ವಿಂಡೋಸ್ ಹಿಡಿಯುವುದು 1024ರ ಲೆಕ್ಕ, ಅಷ್ಟೇ ವ್ಯತ್ಯಾಸ. ಅದರಲ್ಲಿ ಏನೇನು ಎಷ್ಟೆಷ್ಟು ಕೂತಿದೆ ಅಂತ ತೋರಿಸುವ ವಿಜ್‌ಟ್ರೀ ಅನ್ನುವ ಆಪ್ ಹಾಕಿ ನೋಡಿದೆ. ಗೇಮ್‌ಗಳೇ 310 ಜಿಬಿ ಇದ್ದವು. ಹೊಸದಾಗಿ 1 ಟಿಬಿಯ ಎನ್‌ವಿಎಂಇ ಡ್ರೈವ್ (ಸಾಟಾಗಿಂತ ವೇಗದ ಎಸ್‌ಎಸ್‌ಡಿ) ತಂದು ಹಾಕೋಣ, ಎಲ್ಲವನ್ನೂ ಅಲ್ಲಿಗೆ ಸಾಗಿಸೋಣ ಅಂತ ನಿರ್ಧಾರ ಮಾಡಿದೆ. ಎಲ್ಲ ಅಳಿಸಿ ಮತ್ತೆ ಡೌನ್‌ಲೋಡ್ ಮಾಡುವುದೂ ಒಂದು ದಾರಿ. ಆದರೆ 310 ಜಿಬಿ ಮತ್ತೆ ಇಳಿಸಿಕೊಳ್ಳುವುದು ನನಗೆ ಇಷ್ಟವಿರಲಿಲ್ಲ. ಅದಕ್ಕಿಂತ ಮುಖ್ಯವಾಗಿ, ಅನ್‌ಇನ್‌ಸ್ಟಾಲ್ ಮಾಡಿದಾಗ ಯಾವ ಗೇಮ್‌ನ ಸೇವ್ (ಎಲ್ಲಿವರೆಗೆ ಆಡಿದ್ದೇವೆ ಅನ್ನುವ ಫೈಲ್) ಉಳಿಯುತ್ತದೆ, ಯಾವುದು ಹೋಗುತ್ತದೆ ಅನ್ನುವುದು ಗ್ಯಾರಂಟಿ ಇರಲಿಲ್ಲ.

ಡ್ರೈವ್ ಹಾಕಿದ ತಕ್ಷಣ ಎರಡು ವಿಷಯ ಆಯಿತು. ಹೊಸ ಡ್ರೈವ್ ಕಾಣಿಸಲಿಲ್ಲ, ಜೊತೆಗೆ ಇದ್ದ ಹಳೆಯ ಹಾರ್ಡ್ ಡಿಸ್ಕೂ ಮಾಯ. ಎದೆ ಧಸಕ್ ಅಂತು. ಮದರ್‌ಬೋರ್ಡ್ ಪುಸ್ತಕ ತೆಗೆದು ಓದಿದಾಗ ಗೊತ್ತಾಯಿತು: ಎಂ.2 ಸ್ಲಾಟ್‌ನಲ್ಲಿ (ಇಂಥ ಹೊಸ ಡ್ರೈವ್ ಕೂರುವ ಜಾಗ) ಡ್ರೈವ್ ಕೂರಿಸಿದರೆ ಕೆಲವು ಬೋರ್ಡ್‌ಗಳಲ್ಲಿ ಒಂದೆರಡು ಸಾಟಾ ಪೋರ್ಟ್ ಕೆಲಸ ಮಾಡುವುದಿಲ್ಲ, ಎರಡಕ್ಕೂ ಒಂದೇ ದಾರಿ ಹಂಚಿರುತ್ತಾರೆ. ಕೇಬಲನ್ನು ಪಕ್ಕದ ಪೋರ್ಟ್‌ಗೆ ಹಾಕಿದೆ, ಹಾರ್ಡ್ ಡಿಸ್ಕ್ ವಾಪಸ್ ಬಂತು. ಇನ್ನೂ ಫಾರ್ಮ್ಯಾಟ್ ಆಗದ ಹೊಸ ಡ್ರೈವ್ ಕಾಣದಿರುವುದು ಸಹಜವೇ. ಡಿಸ್ಕ್ ಮ್ಯಾನೇಜ್‌ಮೆಂಟ್ ತೆರೆದು, ಜಿಪಿಟಿ ಅಂತ ಆರಿಸಿ, ಎನ್‌ಟಿಎಫ್‌ಎಸ್‌ನಲ್ಲಿ ಫಾರ್ಮ್ಯಾಟ್ ಮಾಡಿ, ಜಿ ಅನ್ನುವ ಅಕ್ಷರ ಕೊಟ್ಟೆ. ಇಲ್ಲಿ ಎಕ್ಸ್‌ಫ್ಯಾಟ್ ಆರಿಸಬೇಡಿ. ಮುಂದೆ ಹೇಳುವ ಜಂಕ್ಷನ್ (ಒಂದು ಫೋಲ್ಡರ್‌ನ ಜಾಗದಿಂದ ಇನ್ನೊಂದು ಫೋಲ್ಡರ್‌ಗೆ ಕರೆದೊಯ್ಯುವ ಲಿಂಕ್) ಅದರಲ್ಲಿ ಮಾಡಲು ಬರುವುದಿಲ್ಲ. ಮುಖ್ಯ ಇನ್ನೊಂದು: ಯುಎಸ್‌ಬಿಯಲ್ಲಿ ಹಾಕುವ ಡ್ರೈವ್ ಆದರೆ ಅಕ್ಷರ ಬದಲಾಗುತ್ತಾ ಇರಬಹುದು, ಇವತ್ತು ಇ, ನಾಳೆ ಎಫ್. ಆಗ ಲಾಂಚರ್‌ಗೆ ಗೇಮ್ ಎಲ್ಲಿದೆ ಅಂತಲೇ ಗೊತ್ತಾಗುವುದಿಲ್ಲ. ಡಿಸ್ಕ್ ಮ್ಯಾನೇಜ್‌ಮೆಂಟ್‌ನಲ್ಲೇ ವರ್ಣಮಾಲೆಯ ಕೊನೆಯ ಕಡೆಯ ಒಂದು ಅಕ್ಷರ ಕೊಟ್ಟುಬಿಡಿ, ಬೇರೆ ಪೆನ್‌ಡ್ರೈವ್ ಬಂದು ಆ ಜಾಗದಲ್ಲಿ ಕೂರುವುದಿಲ್ಲ.

ಒಂದು ಗೇಮ್ ಒಂದೇ ಫೋಲ್ಡರ್‌ನಲ್ಲಿ ಇರುವುದಿಲ್ಲ ಅನ್ನುವುದನ್ನು ನಾನು ಈ ಕೆಲಸದಲ್ಲೇ ಸರಿಯಾಗಿ ಕಲಿತದ್ದು. ಗೇಮ್‌ನ ದೊಡ್ಡ ಭಾಗ ಒಂದು ಕಡೆ, ಸೇವ್ ಮತ್ತು ಸೆಟ್ಟಿಂಗ್ಸ್ ಇನ್ನೊಂದು ಕಡೆ, 'ಈ ಗೇಮ್ ಇಲ್ಲಿದೆ' ಅನ್ನುವ ಬರಹ ಮೂರನೇ ಕಡೆ. ಸೇವ್‌ಗಳು ಹೆಚ್ಚಾಗಿ ಡಾಕ್ಯುಮೆಂಟ್ಸ್ ಒಳಗಿನ ಮೈ ಗೇಮ್ಸ್, ಸೇವ್ಡ್ ಗೇಮ್ಸ್, ಇಲ್ಲವೇ ಆಪ್‌ಡೇಟಾ ಒಳಗಿನ ಲೋಕಲ್, ಲೋಕಲ್‌ಲೋ, ರೋಮಿಂಗ್ ಈ ಮೂರರಲ್ಲಿ ಒಂದರಲ್ಲಿ ಇರುತ್ತವೆ. ಆಪ್‌ಡೇಟಾ ಸುಮ್ನೆ ಕಣ್ಣಿಗೆ ಕಾಣುವುದಿಲ್ಲ, ಹಿಡನ್ ಫೋಲ್ಡರ್ ತೋರಿಸು ಅಂತ ಹೇಳಬೇಕು. ಇವನ್ನೆಲ್ಲ ಮೊದಲೇ ಹಾರ್ಡ್ ಡಿಸ್ಕ್‌ಗೆ ಕಾಪಿ ಮಾಡಿಟ್ಟೆ. ಎಲ್ಲ ಸೇರಿ 4 ಜಿಬಿಯೂ ಆಗಲಿಲ್ಲ. ವರ್ಷಗಟ್ಟಲೆ ಆಡಿದ್ದೆಲ್ಲ ಇಷ್ಟೇ ಜಾಗದಲ್ಲಿ ಇರುತ್ತದೆ, ಐದು ನಿಮಿಷದ ಕೆಲಸ, ದಯವಿಟ್ಟು ಇದನ್ನು ಬಿಡಬೇಡಿ.

ಸ್ಟೀಮ್ ಅನ್ನುವ ಲಾಂಚರ್‌ನ ಗೇಮ್‌ಗಳು ಆರು ಇದ್ದವು. ಅವು ಸುಲಭವಾಗಿ ಮುಗಿದವು. ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್‌ಗೆ ಹೋಗಿ, ಮೇಲೆ ಡ್ರೈವ್ ಹೆಸರು ಇರುವ ಕಡೆ ಒತ್ತಿ ಹೊಸ ಡ್ರೈವ್ ಸೇರಿಸಿದೆ. ಜಿ ಡ್ರೈವ್‌ನಲ್ಲಿ ಸ್ಟೀಮ್‌ಲೈಬ್ರರಿ ಅನ್ನುವ ಫೋಲ್ಡರ್ ತಾನಾಗಿ ಬಂತು. ವಾಪಸ್ ಸಿ ಡ್ರೈವ್ ಆರಿಸಿ, ಬೇಕಾದ ಗೇಮ್‌ಗಳ ಮುಂದೆ ಟಿಕ್ ಹಾಕಿ, ಮೂವ್ ಒತ್ತಿದೆ. ಒಂದೊಂದಾಗಿ ಮಾಡುವ ಅಗತ್ಯವಿಲ್ಲ, ಆರನ್ನೂ ಒಟ್ಟಿಗೆ ಆರಿಸಬಹುದು. ಆದರೂ ನಾನು ಮೊದಲು ಚಿಕ್ಕದೊಂದನ್ನು ಮಾತ್ರ ಕಳಿಸಿ, ಆಡಿ ನೋಡಿ, ಆಮೇಲೆ ಉಳಿದ ಐದನ್ನು ಕಳಿಸಿದೆ. 110 ಜಿಬಿಯ ಗೇಮ್‌ಗೆ ಐದಾರು ನಿಮಿಷ ಹಿಡಿಯಿತು. ಹೊಸ ಡ್ರೈವ್ ಎಷ್ಟೇ ವೇಗದ್ದಾಗಿರಲಿ, ಓದುವುದು ಹಳೆಯ ಸಾಟಾ ಡ್ರೈವ್‌ನಿಂದ ಅಲ್ವಾ, ಸೆಕೆಂಡಿಗೆ 550 ಎಂಬಿ ಆಸುಪಾಸು ಅದರ ಮಿತಿ. ಆಶ್ಚರ್ಯ ಅಂದರೆ 18 ಜಿಬಿಯ ಇನ್ನೊಂದು ಗೇಮ್ ಹೆಚ್ಚು ಕಡಿಮೆ ಅಷ್ಟೇ ಹೊತ್ತು ತೆಗೆದುಕೊಂಡಿತು. ಅದರೊಳಗೆ ಸಾವಿರಾರು ಪುಟ್ಟ ಫೈಲ್‌ಗಳಿದ್ದವು. ಒಂದೊಂದು ಫೈಲನ್ನೂ ತೆರೆದು, ಬರೆದು, ಮುಚ್ಚಬೇಕು, ಅದಕ್ಕೇ ತಡ. ಮಧ್ಯದಲ್ಲಿ ವೇಗ ಬಿದ್ದರೆ ಏನೋ ಕೆಟ್ಟಿತು ಅಂತ ನಿಲ್ಲಿಸಬೇಡಿ.

ಸ್ಟೀಮ್‌ನಲ್ಲಿ ಇನ್ನೊಂದು ವಿಷಯ ತಿಳಿದಿದ್ದರೆ ಒಳ್ಳೆಯದು. ಪ್ರತಿ ಗೇಮ್‌ಗೂ ಸ್ಟೀಮ್‌ಆಪ್ಸ್ ಫೋಲ್ಡರ್‌ನಲ್ಲಿ ಆಪ್‌ಮ್ಯಾನಿಫೆಸ್ಟ್ ಅಂತ ಶುರುವಾಗುವ, ನಂಬರ್ ಇರುವ ಒಂದು ಚಿಕ್ಕ ಫೈಲ್ ಇರುತ್ತದೆ. ಕಾಮನ್ ಒಳಗಿನ ಗೇಮ್ ಫೋಲ್ಡರನ್ನು ಮಾತ್ರ ಕೈಯಿಂದ ಎತ್ತಿ ಹಾಕಿ, ಈ ಚಿಕ್ಕ ಫೈಲ್ ಬಿಟ್ಟುಬಿಟ್ಟರೆ ಸ್ಟೀಮ್‌ಗೆ ಆ ಜಾಗದಲ್ಲಿ ಗೇಮ್ ಇದೆ ಅಂತ ಗೊತ್ತಾಗುವುದಿಲ್ಲ, ಇನ್‌ಸ್ಟಾಲ್ ಅಂತ ತೋರಿಸುತ್ತದೆ. ಹಾಗಾದರೂ ಗಾಬರಿ ಬೇಡ. ಅದೇ ಡ್ರೈವ್ ಆರಿಸಿ ಇನ್‌ಸ್ಟಾಲ್ ಒತ್ತಿದರೆ, ಇರುವ ಫೈಲ್‌ಗಳನ್ನು ಮೊದಲು ಹುಡುಕಿ ನೋಡುತ್ತದೆ, ಇಲ್ಲದ್ದನ್ನು ಮಾತ್ರ ಇಳಿಸಿಕೊಳ್ಳುತ್ತದೆ.

ಎಕ್ಸ್‌ಬಾಕ್ಸ್ ಆಪ್‌ನ ಗೇಮ್ ಒಂದಿತ್ತು. ಮ್ಯಾನೇಜ್, ಫೈಲ್ಸ್, ಚೇಂಜ್ ಡ್ರೈವ್. ಅಷ್ಟೇ. ಇದರ ಫೋಲ್ಡರನ್ನು ಕೈಯಿಂದ ಎತ್ತಿ ಹಾಕಲು ಹೋಗಬೇಡಿ, ಬೇರೆ ಜಾಗದಲ್ಲಿ ಇಟ್ಟರೆ ವಿಂಡೋಸ್ ಅದನ್ನು ಇನ್‌ಸ್ಟಾಲ್ ಆದ ಗೇಮ್ ಅಂತ ಒಪ್ಪುವುದಿಲ್ಲ.

ಇನ್ನೊಂದು ಲಾಂಚರ್‌ನಲ್ಲಿ ಎರಡು ಗೇಮ್ ಇದ್ದವು. ನಾನು ಮಾಡುವಾಗ ಅದರಲ್ಲಿ ಮೂವ್ ಬಟನ್ ನನಗೆ ಸಿಗಲಿಲ್ಲ. ಹಾಗಾಗಿ ಹಳೆಯ ಉಪಾಯವನ್ನೇ ಹಿಡಿದೆ. ಗೇಮ್ ಫೋಲ್ಡರನ್ನು ಹಾರ್ಡ್ ಡಿಸ್ಕ್‌ಗೆ ಕಾಪಿ ಮಾಡಿದೆ. ಲಾಂಚರ್‌ನಿಂದ ಅನ್‌ಇನ್‌ಸ್ಟಾಲ್ ಮಾಡಿದೆ. ಜಿ ಡ್ರೈವ್ ತೋರಿಸಿ ಹೊಸದಾಗಿ ಇನ್‌ಸ್ಟಾಲ್ ಶುರು ಮಾಡಿ, ಎರಡು ಮೂರು ಶೇಕಡಾ ಆದಮೇಲೆ ನಿಲ್ಲಿಸಿ, ಲಾಂಚರನ್ನೇ ಪೂರ್ತಿ ಮುಚ್ಚಿದೆ, ಗಡಿಯಾರದ ಪಕ್ಕದ ಐಕಾನ್‌ನಿಂದಲೂ. ಕಾಪಿ ಮಾಡಿಟ್ಟಿದ್ದನ್ನು ಹೊಸ ಫೋಲ್ಡರ್ ಮೇಲೆ ಹಾಕಿದೆ, ರೀಪ್ಲೇಸ್ ಅಂದೆ. ಲಾಂಚರ್ ತೆರೆದು ರೆಸ್ಯೂಮ್ ಒತ್ತಿದಾಗ ಅದು ಫೈಲ್‌ಗಳನ್ನು ಒಂದೊಂದಾಗಿ ಪರೀಕ್ಷೆ ಮಾಡಿ, ಸರಿಯಿದೆ ಅಂತ ಮುಗಿಸಿತು. ಡೌನ್‌ಲೋಡ್ ಆಗಿದ್ದು ಬರೀ ಕೆಲವು ನೂರು ಎಂಬಿ.

ಈ ಕಾಪಿಗೆ ನಾನು ಬಳಸಿದ್ದು ವಿಂಡೋಸ್‌ನಲ್ಲೇ ಇರುವ ರೋಬೊಕಾಪಿ ಅನ್ನುವ ಕಮಾಂಡ್. ಮೊದಲ ಸಲ ಹಾಕಿದಾಗ ಒಂದು ಫೈಲ್ ಹತ್ತಿರ ನಿಂತುಬಿಟ್ಟಿತು, ಹತ್ತು ನಿಮಿಷ ಕಾದರೂ ಮುಂದೆ ಹೋಗಲಿಲ್ಲ. ಲಾಂಚರ್ ಹಿಂದೆ ಓಡುತ್ತಾ ಆ ಫೈಲನ್ನು ಹಿಡಿದುಕೊಂಡಿತ್ತು. ಫೈಲ್ ಸಿಗದಿದ್ದರೆ ರೋಬೊಕಾಪಿ 30 ಸೆಕೆಂಡಿಗೊಮ್ಮೆ ಮತ್ತೆ ಪ್ರಯತ್ನ ಮಾಡುತ್ತದೆ, ನಾವು ಬೇರೆ ಹೇಳದಿದ್ದರೆ 10 ಲಕ್ಷ ಸಲ! ಹಾಗಾಗಿ ಸ್ಲ್ಯಾಶ್ ಆರ್ ಕೋಲನ್ 2, ಸ್ಲ್ಯಾಶ್ ಡಬ್ಲ್ಯೂ ಕೋಲನ್ 2 ಅಂತ ಸೇರಿಸಿ: ಎರಡೇ ಸಲ ಪ್ರಯತ್ನ, ಎರಡೇ ಸೆಕೆಂಡ್ ಕಾಯುವುದು. ಒಳಗಿನ ಫೋಲ್ಡರ್‌ಗಳೆಲ್ಲ ಬರಲು ಸ್ಲ್ಯಾಶ್ ಇ ಬೇಕು. ಮುಗಿದ ಮೇಲೆ ಒಂದು ಪಟ್ಟಿ ತೋರಿಸುತ್ತದೆ, ಅದರಲ್ಲಿ ಫೇಲ್ಡ್ ಅನ್ನುವ ಕಡೆ ಎಲ್ಲ ಸೊನ್ನೆ ಇದೆಯಾ ನೋಡಿ. ನನಗೆ ಎಕ್ಸ್‌ಪ್ಲೋರರ್‌ನಲ್ಲಿ ಎಳೆದು ಬಿಡುವುದಕ್ಕಿಂತ ಇದೇ ಇಷ್ಟ, ಏನು ಬಂತು ಏನು ಬರಲಿಲ್ಲ ಅಂತ ಸ್ಪಷ್ಟವಾಗಿ ಹೇಳುತ್ತದೆ.

ಮಾಡ್‌ಗಳನ್ನು (ಆಟಗಾರರೇ ಮಾಡುವ ಬದಲಾವಣೆಗಳು) ಹಾಕಿದ್ದ ಒಂದು ಗೇಮ್‌ಗೆ ಬೇರೆಯೇ ತಯಾರಿ ಬೇಕಾಯಿತು. ಮಾಡ್‌ಗಳನ್ನು ನೋಡಿಕೊಳ್ಳಲು ನಾನು ವೋರ್ಟೆಕ್ಸ್ ಅನ್ನುವ ಆಪ್ ಬಳಸುತ್ತೇನೆ. ಅದು ಮಾಡ್ ಫೈಲ್‌ಗಳನ್ನು ತನ್ನ ಸ್ಟೇಜಿಂಗ್ ಫೋಲ್ಡರ್‌ನಲ್ಲಿ ಇಟ್ಟುಕೊಂಡು, ಗೇಮ್ ಫೋಲ್ಡರ್‌ಗೆ ಹಾರ್ಡ್‌ಲಿಂಕ್ ಮಾಡುತ್ತದೆ. ಹಾರ್ಡ್‌ಲಿಂಕ್ ಅಂದರೆ ಒಂದೇ ಫೈಲ್‌ಗೆ ಎರಡು ಹೆಸರು. ಇದು ಒಂದೇ ಡ್ರೈವ್ ಒಳಗೆ ಮಾತ್ರ ಸಾಧ್ಯ. ಗೇಮ್ ಜಿಗೆ ಹೋಗಿ ಸ್ಟೇಜಿಂಗ್ ಸಿಯಲ್ಲೇ ಉಳಿದರೆ ಲಿಂಕ್ ಕೂಡುವುದಿಲ್ಲ. ಆದ್ದರಿಂದ ಮೊದಲು ಪರ್ಜ್ ಒತ್ತಿ ಗೇಮ್ ಫೋಲ್ಡರ್‌ನಿಂದ ಮಾಡ್‌ಗಳನ್ನೆಲ್ಲ ಹೊರಗೆ ತೆಗೆದೆ, ಗೇಮ್ ಸಾಗಿಸಿದೆ, ಸೆಟ್ಟಿಂಗ್ಸ್‌ನಲ್ಲಿ ಸ್ಟೇಜಿಂಗ್ ಫೋಲ್ಡರನ್ನೂ ಜಿಗೆ ಬದಲಾಯಿಸಿದೆ, ಮತ್ತೆ ಡಿಪ್ಲಾಯ್ ಮಾಡಿದೆ. ಎಲ್ಲ ಮಾಡ್‌ಗಳೂ ಮೊದಲಿನ ಕ್ರಮದಲ್ಲೇ ಬಂದು ಕೂತವು.

ಕೊನೆಗೆ ಉಳಿದಿದ್ದು ಲಾಂಚರ್ ಇಲ್ಲದ, ಸಿಡಿಯಿಂದ ಹಾಕಿದ ಎರಡು ಹಳೆಯ ಗೇಮ್‌ಗಳು. ಇವನ್ನು ಹಾರ್ಡ್ ಡಿಸ್ಕ್‌ಗೆ, ಅಂದರೆ ಡಿ ಡ್ರೈವ್‌ಗೆ ಕಳಿಸೋಣ ಅಂದುಕೊಂಡೆ, ಇಂಥ ಗೇಮ್‌ಗಳಿಗೆ ಎಸ್‌ಎಸ್‌ಡಿ ವೇಗ ಬೇಕಾಗಿಲ್ಲ. ಒಂದು, ಊರು ಕಟ್ಟುವ ಗೇಮ್. ನನ್ನ ತಮ್ಮ ಹೈಸ್ಕೂಲಿನಿಂದ ಅದರಲ್ಲಿ ಒಂದೇ ಊರನ್ನು ಕಟ್ಟುತ್ತಾ ಬಂದಿದ್ದಾನೆ. ಪ್ರೋಗ್ರಾಮ್ ಫೈಲ್ಸ್‌ನಿಂದ ಫೋಲ್ಡರ್ ಕಾಪಿ ಮಾಡಿ ಡಿ ಡ್ರೈವ್‌ಗೆ ಹಾಕಿದೆ. ಡೆಸ್ಕ್‌ಟಾಪ್‌ನ ಶಾರ್ಟ್‌ಕಟ್‌ನಲ್ಲಿ ಟಾರ್ಗೆಟ್ ಬದಲಾಯಿಸಿದೆ, ಜೊತೆಗೆ ಸ್ಟಾರ್ಟ್ ಇನ್ ಅನ್ನುವುದನ್ನೂ ಬದಲಾಯಿಸಿದೆ. ಅದನ್ನು ಬಿಟ್ಟರೆ ಕೆಲವು ಹಳೆಯ ಗೇಮ್‌ಗಳು ತಮ್ಮ ಫೈಲ್‌ಗಳನ್ನು ಹಳೆಯ ಜಾಗದಲ್ಲೇ ಹುಡುಕುತ್ತವೆ. ಗೇಮ್ ಓಡಿತು. ತಮ್ಮನನ್ನು ಕರೆದು ಕೂರಿಸಿದೆ. ಲೋಡ್ ಒತ್ತಿದ, ಪಟ್ಟಿ ಖಾಲಿ.

"ಅಕ್ಕಾ, ನನ್ನ ಊರು ಎಲ್ಲಿ ಹೋಯ್ತು?"

ನಾನು ಕಾಪಿ ಮಾಡಿದ ಫೋಲ್ಡರ್ ಒಳಗೆ ಸೇವ್ ಅನ್ನುವ ಫೋಲ್ಡರ್ ಇತ್ತು, ಅದರಲ್ಲಿ ಏನೂ ಇರಲಿಲ್ಲ. ಸಿಯಲ್ಲಿದ್ದ ಮೂಲ ಫೋಲ್ಡರ್ ಇನ್ನೂ ಅಳಿಸಿರಲಿಲ್ಲ, ಅದರಲ್ಲಿ ನೋಡಿದರೂ ಖಾಲಿ. ಆದರೆ ಹಳೆಯ ಜಾಗದಿಂದಲೇ ಗೇಮ್ ಓಡಿಸಿದಾಗ ಸೇವ್‌ಗಳೆಲ್ಲ ಇದ್ದವು! ಫೈಲ್ ಇಲ್ಲದೆ ಊರು ಹೇಗೆ ತೆರೆಯುತ್ತದೆ? ಅರ್ಧ ದಿನ ಇದರಲ್ಲೇ ಹೋಯಿತು. ಕೊನೆಗೆ ಸೇವ್ ಫೈಲ್‌ನ ಕೊನೆಯ ಮೂರು ಅಕ್ಷರ ಹಿಡಿದು ಇಡೀ ಸಿ ಡ್ರೈವ್ ಹುಡುಕಿಸಿದೆ. ಸಿಕ್ಕಿದ್ದು ಆಪ್‌ಡೇಟಾ, ಲೋಕಲ್ ಒಳಗಿನ ವರ್ಚುವಲ್‌ಸ್ಟೋರ್ ಅನ್ನುವ ಫೋಲ್ಡರ್‌ನಲ್ಲಿ.

ಅದರ ಕತೆ ಹೀಗೆ. ಹಳೆಯ ಕಾಲದ ಗೇಮ್‌ಗಳು ಸೇವ್‌ಗಳನ್ನು ತಮ್ಮ ಫೋಲ್ಡರ್ ಒಳಗೇ ಬರೆಯುತ್ತಿದ್ದವು. ವಿಂಡೋಸ್ ವಿಸ್ಟಾ ಬಂದಾಗಿನಿಂದ ಪ್ರೋಗ್ರಾಮ್ ಫೈಲ್ಸ್ ಒಳಗೆ ಸುಮ್ನೆ ಯಾರೂ ಬರೆಯುವಂತಿಲ್ಲ. ಆದರೆ ಬರೆಯಲು ಬಿಡದಿದ್ದರೆ ಹಳೆಯ ಗೇಮ್‌ಗಳು ಕೆಲಸ ಮಾಡುವುದಿಲ್ಲ. ಹಾಗಾಗಿ ವಿಂಡೋಸ್ ಆ ಬರಹವನ್ನು ಗೇಮ್‌ಗೆ ಗೊತ್ತಾಗದ ಹಾಗೆ ವರ್ಚುವಲ್‌ಸ್ಟೋರ್‌ಗೆ ತಿರುಗಿಸುತ್ತದೆ. ಗೇಮ್ ಮತ್ತೆ ಓದಲು ಬಂದಾಗ ಅಲ್ಲಿಂದಲೇ ಕೊಡುತ್ತದೆ. ಗೇಮನ್ನು ಡಿ ಡ್ರೈವ್‌ಗೆ ತಂದ ತಕ್ಷಣ ಈ ತಿರುವು ಇಲ್ಲವಾಗುತ್ತದೆ, ಅದು ನಿಜವಾಗಿಯೂ ತನ್ನ ಫೋಲ್ಡರ್‌ನಲ್ಲೇ ನೋಡುತ್ತದೆ, ಅಲ್ಲಿ ಏನೂ ಇಲ್ಲ. ವರ್ಚುವಲ್‌ಸ್ಟೋರ್‌ನಿಂದ ಸೇವ್‌ಗಳನ್ನು ತೆಗೆದು ಹೊಸ ಜಾಗದ ಸೇವ್ ಫೋಲ್ಡರ್‌ಗೆ ಹಾಕಿದೆ. ತಮ್ಮನ ಊರು ತೆರೆಯಿತು, ಹೊಳೆಯ ಪಕ್ಕದ ರೈಲು ನಿಲ್ದಾಣದ ಸಮೇತ. ನನಗೆ ಕಣ್ಣಲ್ಲಿ ನೀರೇ ಬಂತು.

ಇನ್ನೊಂದು ಹಳೆಯ ಗೇಮ್ ಸಿಯ ಗೇಮ್ಸ್ ಅನ್ನುವ ಫೋಲ್ಡರ್‌ನಲ್ಲಿತ್ತು. ಅದನ್ನು ಸಾಗಿಸಿದ ಮೇಲೆ ಆಟ ಓಡಿತು, ಆದರೆ ಅದರ ಪ್ಯಾಚ್ (ತಿದ್ದುಪಡಿಯ ಅಪ್‌ಡೇಟ್) ಹಾಕಲು ಹೋದರೆ ಗೇಮ್ ಸಿಗುತ್ತಿಲ್ಲ ಅಂದಿತು. ಇನ್‌ಸ್ಟಾಲ್ ಮಾಡಿದಾಗ ರಿಜಿಸ್ಟ್ರಿಯಲ್ಲಿ (ವಿಂಡೋಸ್ ತನ್ನ ಸೆಟ್ಟಿಂಗ್ಸ್ ಬರೆದಿಡುವ ಜಾಗ) ಹಳೆಯ ವಿಳಾಸ ಬರೆದಿರುತ್ತದೆ, ಪ್ಯಾಚ್ ಅದನ್ನೇ ನಂಬುತ್ತದೆ. ರಿಜಿಸ್ಟ್ರಿಗೆ ಕೈ ಹಾಕುವ ಬದಲು ಜಂಕ್ಷನ್ ಮಾಡಿದೆ. ಹಳೆಯ ಫೋಲ್ಡರ್‌ನ ಹೆಸರು ಬದಲಾಯಿಸಿಟ್ಟು, ಕಮಾಂಡ್ ಪ್ರಾಂಪ್ಟ್ ತೆರೆದು, ಎಂಕೆಲಿಂಕ್, ಸ್ಲ್ಯಾಶ್ ಜೆ, ಆಮೇಲೆ ಹಳೆಯ ವಿಳಾಸ, ಆಮೇಲೆ ಹೊಸ ವಿಳಾಸ. ಈ ಕ್ರಮ ತಪ್ಪಬಾರದು: ಹುಟ್ಟಬೇಕಾದ ಲಿಂಕ್ ಮೊದಲು, ನಿಜವಾದ ಫೋಲ್ಡರ್ ಆಮೇಲೆ. ಹೆಸರಿನ ಮಧ್ಯೆ ಜಾಗ ಇದ್ದರೆ ಕೋಟ್ಸ್ ಒಳಗೆ ಬರೆಯಿರಿ. ಪವರ್‌ಶೆಲ್‌ನಲ್ಲಿ ಈ ಕಮಾಂಡ್ ನೇರವಾಗಿ ನಡೆಯುವುದಿಲ್ಲ, ಇದು ಕಮಾಂಡ್ ಪ್ರಾಂಪ್ಟ್‌ನ ಒಳಗಿನದು. ಈಗ ಸಿ ಡ್ರೈವ್‌ನ ಹಳೆಯ ಜಾಗದಲ್ಲಿ ಫೋಲ್ಡರ್ ಇದ್ದ ಹಾಗೇ ಕಾಣುತ್ತದೆ, ಒಳಗಿರುವುದೆಲ್ಲ ಡಿ ಡ್ರೈವ್‌ನದು. ಪ್ಯಾಚ್ ತಕರಾರಿಲ್ಲದೆ ಹತ್ತಿತು. ಮುಂದೆ ಲಿಂಕ್ ತೆಗೆಯಬೇಕಾದರೆ ಆರ್‌ಎಂಡಿಐಆರ್ ಕಮಾಂಡ್ ಮಾತ್ರ ಬಳಸಿ, ಅದು ಲಿಂಕನ್ನಷ್ಟೇ ತೆಗೆಯುತ್ತದೆ. ಲಿಂಕ್ ಒಳಗೆ ಹೋಗಿ ಫೈಲ್ ಅಳಿಸಿದರೆ ಅಳಿಯುವುದು ನಿಜವಾದ ಫೈಲ್.

ಯಾವ ಹಳೆಯ ಫೋಲ್ಡರನ್ನೂ ಅವತ್ತೇ ಅಳಿಸಲಿಲ್ಲ. ಸ್ಟೀಮ್ ಮತ್ತು ಎಕ್ಸ್‌ಬಾಕ್ಸ್ ತಾವಾಗಿ ತೆಗೆದಿದ್ದು, ಇನ್ನೊಂದು ಲಾಂಚರ್‌ನಿಂದ ಅನ್‌ಇನ್‌ಸ್ಟಾಲ್ ಮಾಡಿದ್ದು ಬಿಟ್ಟರೆ, ಕೈಯಿಂದ ಕಾಪಿ ಮಾಡಿದ್ದೆಲ್ಲ ಒಂದು ವಾರ ಹಾಗೇ ಇಟ್ಟೆ. ಪ್ರತಿ ಗೇಮ್ ತೆರೆದು, ಹಳೆಯ ಸೇವ್ ಲೋಡ್ ಮಾಡಿ, ಸ್ವಲ್ಪ ಆಡಿ, ಹೊಸ ಸೇವ್ ಮಾಡಿ, ಮುಚ್ಚಿ, ಮತ್ತೆ ತೆರೆದು ಅದೇ ಸೇವ್ ಬರುತ್ತದಾ ಅಂತ ನೋಡಿದೆ. ಬರೀ ಮೆನು ತನಕ ಬಂದರೆ ಸಾಲದು. ಊರು ಕಟ್ಟುವ ಗೇಮ್ ಮೆನು ತನಕ ಚೆನ್ನಾಗಿಯೇ ಬಂದಿತ್ತಲ್ಲ.

ಈಗ ಸಿ ಡ್ರೈವ್‌ನಲ್ಲಿ ಹತ್ತಿರ ಹತ್ತಿರ 330 ಜಿಬಿ ಖಾಲಿ ಇದೆ. ಸ್ಟೀಮ್‌ನಲ್ಲಿ ಜಿ ಡ್ರೈವನ್ನು ಡೀಫಾಲ್ಟ್ ಮಾಡಿದ್ದೇನೆ, ಹೊಸ ಗೇಮ್‌ಗಳು ನೇರ ಅಲ್ಲಿಗೇ ಹೋಗುತ್ತವೆ. ತಮ್ಮನ ಸೇವ್ ಫೋಲ್ಡರ್‌ನ ಒಂದು ಕಾಪಿ ಪೆನ್‌ಡ್ರೈವ್‌ನಲ್ಲಿ ಹಾಕಿ ಅವನ ಕೈಗೇ ಕೊಟ್ಟಿದ್ದೇನೆ.