ಲ್ಯಾಪ್‌ಟಾಪ್‌ನಿಂದ ಗೇಮ್ ತೆಗೆಯುವುದು: ಮೊದಲು ಸೇವ್, ಕೊನೆಗೆ ಲಾಂಚರ್

ಡೆಸ್ಕ್‌ಟಾಪ್ ಮೇಲಿನ ಐಕಾನ್ ಅಳಿಸಿದರೆ ಹೋಗುವುದು ಒಂದೆರಡು ಕೆಬಿಯ ಶಾರ್ಟ್‌ಕಟ್ ಮಾತ್ರ. ಗೇಮಿನ 60, 80, ಒಮ್ಮೊಮ್ಮೆ 100 ಜಿಬಿ ದಾಟುವ ಫೈಲ್‌ಗಳು ಇದ್ದಲ್ಲೇ ಇರುತ್ತವೆ. ಹಾಗಂತ ಫೈಲ್ ಎಕ್ಸ್‌ಪ್ಲೋರರ್ ತೆರೆದು ಗೇಮಿನ ಫೋಲ್ಡರನ್ನೇ ಅಳಿಸಿದರೆ ಜಾಗವೇನೋ ಸಿಗುತ್ತದೆ, ಆದರೆ ವಿಂಡೋಸ್ ಪಟ್ಟಿಯಲ್ಲೂ ಲಾಂಚರ್ (ಸ್ಟೀಮ್, ಎಪಿಕ್‌ನಂಥ, ಗೇಮ್ ತಂದು ನಡೆಸುವ ಆ್ಯಪ್) ಲೆಕ್ಕದಲ್ಲೂ ಆ ಗೇಮ್ ಇನ್ನೂ ಇದೆ ಎಂದೇ ಉಳಿಯುತ್ತದೆ. ನಾನು ಪಾಲಿಸುವ ಕ್ರಮ ಒಂದೇ: ಮೊದಲು ಸೇವ್‌ಗಳ (ಆಟದ ಪ್ರಗತಿ ಉಳಿಸಿಟ್ಟ ಫೈಲ್‌ಗಳ) ನಕಲು, ಆಮೇಲೆ ಗೇಮ್, ಆಮೇಲೆ ಅದರ ಜೊತೆ ಬಂದ, ಮೋಸ ತಡೆಯುವ ಆ್ಯಂಟಿ ಚೀಟ್, ಬೇಕಿದ್ದರೆ ಕೊನೆಗೆ ಲಾಂಚರ್. ಹೆಚ್ಚಿನ ತೊಂದರೆಗಳೆಲ್ಲ ಈ ಕ್ರಮ ತಪ್ಪಿದಾಗಲೇ ಹುಟ್ಟುತ್ತವೆ.

ಯಾವುದನ್ನು ತೆಗೆಯಬೇಕು ಎಂದು ತೀರ್ಮಾನಿಸುವ ಮೊದಲು ಯಾವುದು ಎಷ್ಟು ಜಾಗ ಹಿಡಿದಿದೆ ಎಂದು ನೋಡಬೇಕು. ವಿಂಡೋಸ್ 11ರಲ್ಲಿ ಸೆಟ್ಟಿಂಗ್ಸ್, ಆ್ಯಪ್ಸ್, ಇನ್‌ಸ್ಟಾಲ್ಡ್ ಆ್ಯಪ್ಸ್ ಎಂಬಲ್ಲಿ ಗಾತ್ರದ ಪ್ರಕಾರ ಜೋಡಿಸಬಹುದು. ವಿಂಡೋಸ್ 10ರಲ್ಲಿ ಅದೇ ಜಾಗಕ್ಕೆ ಆ್ಯಪ್ಸ್ ಆ್ಯಂಡ್ ಫೀಚರ್ಸ್ ಎಂಬ ಹೆಸರು. ಆದರೆ ಅಲ್ಲಿ ಕಾಣುವ ಸಂಖ್ಯೆಯನ್ನು ಪೂರ್ತಿ ನಂಬಬೇಡಿ. ಇನ್‌ಸ್ಟಾಲ್ ಮಾಡುವಾಗ ಬರೆದಿಟ್ಟ ಅಂದಾಜು ಗಾತ್ರವೇ ಎಷ್ಟೋ ಸಲ ಅಲ್ಲಿ ಕಾಣುವುದು. ಆಮೇಲೆ ಬಂದ ಅಪ್‌ಡೇಟ್‌ಗಳ ಲೆಕ್ಕ ಅದರಲ್ಲಿ ಇರುವುದಿಲ್ಲ. ಲಾಂಚರ್ ಮೂಲಕ ಬಂದ ಗೇಮ್‌ಗಳ ಮುಂದೆ ಆ ಜಾಗ ಖಾಲಿಯಾಗಿಯೂ ಇರಬಹುದು. ಸ್ಟೀಮ್ ಬಳಸುವವರಿಗೆ ಅದರ ಸೆಟ್ಟಿಂಗ್ಸ್ ಒಳಗಿನ ಸ್ಟೋರೇಜ್ ಪುಟ ಸರಿಯಾದ ಲೆಕ್ಕ ಕೊಡುತ್ತದೆ. ಇಡೀ ಡಿಸ್ಕನ್ನು ನೋಡಲು ವಿಝ್‌ಟ್ರೀ ಅಥವಾ ವಿನ್‌ಡರ್‌ಸ್ಟ್ಯಾಟ್ ಎಂಬ ಸಾಫ್ಟ್‌ವೇರ್ ಸಾಕು. ಅಂದಹಾಗೆ 512 ಜಿಬಿ ಡಿಸ್ಕ್ ವಿಂಡೋಸಿನಲ್ಲಿ ಸುಮಾರು 476 ಜಿಬಿ ಎಂದು ಕಾಣುವುದು ದೋಷವಲ್ಲ. ತಯಾರಕರು ಸಾವಿರದ ಲೆಕ್ಕದಲ್ಲಿ ಎಣಿಸಿದ್ದನ್ನು ವಿಂಡೋಸ್ 1024ರ ಲೆಕ್ಕದಲ್ಲಿ ಎಣಿಸುತ್ತದೆ, ಅಷ್ಟೇ.

ಈಗ ಸೇವ್‌ಗಳ ವಿಷಯ. ಎಲ್ಲಕ್ಕಿಂತ ಹೆಚ್ಚು ಜನ ಎಡವುವುದು ಇಲ್ಲಿಯೇ. ಗೇಮನ್ನು ಇನ್ನೊಮ್ಮೆ ಡೌನ್‌ಲೋಡ್ ಮಾಡಿಕೊಳ್ಳಬಹುದು, ನೂರು ಗಂಟೆ ಆಡಿ ಉಳಿಸಿದ ಸೇವ್ ಹೋದರೆ ಹೋಯಿತು. ಅನ್‌ಇನ್‌ಸ್ಟಾಲ್ ಮಾಡುವಾಗ ಸೇವ್ ಉಳಿಯುತ್ತದೋ ಅಳಿಯುತ್ತದೋ ಎನ್ನುವುದಕ್ಕೆ ಒಂದೇ ನಿಯಮವಿಲ್ಲ. ಕೆಲವು ಗೇಮ್ ಸೇವ್‌ಗಳನ್ನು ತನ್ನ ಫೋಲ್ಡರ್ ಒಳಗೇ ಇಟ್ಟುಕೊಳ್ಳುತ್ತದೆ, ಕೆಲವು ಬೇರೆ ಕಡೆ ಇಡುತ್ತದೆ, ಇನ್ನು ಕೆಲವು ಅನ್‌ಇನ್‌ಸ್ಟಾಲರ್‌ಗಳು ಸೇವ್‌ಗಳನ್ನೂ ಅಳಿಸಬೇಕೇ ಎಂದು ಕೇಳುತ್ತವೆ. ಓದದೆ ಒತ್ತಿದ ಒಂದು ಟಿಕ್ ಸಾಕು.

ನಾನು ಹುಡುಕುವ ಜಾಗಗಳು ಇವು. ಡಾಕ್ಯುಮೆಂಟ್ಸ್ ಫೋಲ್ಡರ್ ಒಳಗೆ ಮೈ ಗೇಮ್ಸ್. ಬಳಕೆದಾರರ ಹೆಸರಿನ ಫೋಲ್ಡರ್ ಒಳಗೆ ಸೇವ್ಡ್ ಗೇಮ್ಸ್. ಅದೇ ಹೆಸರಿನ ಫೋಲ್ಡರ್ ಒಳಗಿನ ಆ್ಯಪ್‌ಡೇಟಾ ಮರೆಮಾಡಿದ ಫೋಲ್ಡರ್. ಎಕ್ಸ್‌ಪ್ಲೋರರಿನ ವ್ಯೂ ಮೆನುವಿನಲ್ಲಿ ಹಿಡನ್ ಐಟಮ್ಸ್ ಆನ್ ಮಾಡಿದರೆ ಕಾಣುತ್ತದೆ. ಅದರಲ್ಲಿ ಲೋಕಲ್, ಲೋಕಲ್‌ಲೋ, ರೋಮಿಂಗ್ ಎಂದು ಮೂರು. ಯೂನಿಟಿ ಎಂಬ ಗೇಮ್ ತಯಾರಿಸುವ ಎಂಜಿನ್‌ನಲ್ಲಿ ಮಾಡಿದ ಗೇಮ್‌ಗಳ ಸೇವ್ ಸಾಮಾನ್ಯವಾಗಿ ಲೋಕಲ್‌ಲೋ ಒಳಗೆ, ತಯಾರಿಸಿದವರ ಹೆಸರಿನ ಫೋಲ್ಡರಿನಲ್ಲಿ ಇರುತ್ತದೆ. ಅನ್‌ರಿಯಲ್ ಎಂಜಿನ್‌ನವು ಹೆಚ್ಚಾಗಿ ಲೋಕಲ್ ಒಳಗೆ, ಗೇಮಿನ ಹೆಸರಿನಡಿ ಸೇವ್ಡ್, ಅದರೊಳಗೆ ಸೇವ್‌ಗೇಮ್ಸ್. ಮೈನ್‌ಕ್ರಾಫ್ಟ್ ಜಾವಾ ಆವೃತ್ತಿಯ ಲೋಕಗಳು ರೋಮಿಂಗ್ ಒಳಗೆ, ಚುಕ್ಕೆಯಿಂದ ಶುರುವಾಗುವ ಮೈನ್‌ಕ್ರಾಫ್ಟ್ ಫೋಲ್ಡರಿನ ಸೇವ್ಸ್‌ನಲ್ಲಿ. ಸ್ಟೀಮ್ ತನ್ನದೇ ಫೋಲ್ಡರಿನಲ್ಲಿ ಯೂಸರ್‌ಡೇಟಾ ಎಂದೊಂದನ್ನು ಇಟ್ಟುಕೊಂಡಿರುತ್ತದೆ. ಅದರೊಳಗೆ ನಿಮ್ಮ ಖಾತೆಯ ಸಂಖ್ಯೆ, ಅದರೊಳಗೆ ಗೇಮಿನ ಸಂಖ್ಯೆ. ಕೆಲವು ಸಣ್ಣ ಯೂನಿಟಿ ಗೇಮ್‌ಗಳು ಫೈಲನ್ನೇ ಮಾಡದೆ ಪ್ರಗತಿಯನ್ನು ರಿಜಿಸ್ಟ್ರಿಯಲ್ಲಿ (ವಿಂಡೋಸ್ ಸೆಟ್ಟಿಂಗ್‌ಗಳನ್ನು ಬರೆದಿಡುವ ಜಾಗ) ಬರೆಯುತ್ತವೆ. ಎಲ್ಲೂ ಸೇವ್ ಸಿಗದಿದ್ದರೆ ರಿಜಿಸ್ಟ್ರಿ ಎಡಿಟರ್ ತೆರೆದು, ಕರೆಂಟ್ ಯೂಸರ್ ಭಾಗದ ಸಾಫ್ಟ್‌ವೇರ್ ಅಡಿಯಲ್ಲಿ ತಯಾರಕರ ಹೆಸರು ಹುಡುಕಿ, ಆ ಕೀಲಿಯ ಮೇಲೆ ಬಲ ಕ್ಲಿಕ್ ಮಾಡಿ ಎಕ್ಸ್‌ಪೋರ್ಟ್ ಮಾಡಿಕೊಳ್ಳಿ.

ನಕಲು ಮಾಡುವಾಗ ಗೇಮ್ ಪೂರ್ತಿ ಮುಚ್ಚಿರಬೇಕು. ನಕಲಾದ ಮೇಲೆ ಎರಡೂ ಫೋಲ್ಡರ್‌ಗಳ ಪ್ರಾಪರ್ಟೀಸ್ ತೆರೆದು ಫೈಲ್‌ಗಳ ಸಂಖ್ಯೆ ಮತ್ತು ಗಾತ್ರ ತಾಳೆ ನೋಡುತ್ತೇನೆ. ಯಾವ ಜಾಗದಿಂದ ತೆಗೆದದ್ದು ಎಂದು ಒಂದು ಸಣ್ಣ ಟೆಕ್ಸ್ಟ್ ಫೈಲಿನಲ್ಲಿ ಬರೆದು ಅದರ ಜೊತೆಗೇ ಇಡುತ್ತೇನೆ. ಆರು ತಿಂಗಳ ಮೇಲೆ ಆ ದಾರಿ ನೆನಪಿರುವುದಿಲ್ಲ.

ಕ್ಲೌಡ್ ಇದೆಯಲ್ಲ ಎಂದು ಸುಮ್ಮನಿರಬೇಡಿ. ಸ್ಟೀಮ್ ಕ್ಲೌಡ್ ಎಲ್ಲ ಗೇಮ್‌ಗಳಿಗೂ ಇಲ್ಲ. ಇದ್ದರೆ ಲೈಬ್ರರಿಯಲ್ಲಿ ಆ ಗೇಮಿನ ಪುಟದಲ್ಲೇ ಕ್ಲೌಡ್ ಸ್ಥಿತಿ ಕಾಣುತ್ತದೆ. ಸಿಂಕ್ ಆಗಿದೆ ಎಂದು ತೋರಿಸುವವರೆಗೆ ಕಾಯಿರಿ. ಎಕ್ಸ್‌ಬಾಕ್ಸ್ ಆ್ಯಪ್‌ನಿಂದ ಬಂದ ಗೇಮ್‌ಗಳ ವಿಷಯದಲ್ಲಿ ಇದು ಇನ್ನೂ ಮುಖ್ಯ. ಅವುಗಳ ಸೇವ್‌ನ ಸ್ಥಳೀಯ ಪ್ರತಿ ಆ್ಯಪ್‌ಡೇಟಾ ಒಳಗಿನ ಪ್ಯಾಕೇಜಸ್ ಫೋಲ್ಡರಿನಲ್ಲಿ ಇರುತ್ತದೆ, ಗೇಮ್ ತೆಗೆದಾಗ ಆ ಪ್ಯಾಕೇಜ್ ಫೋಲ್ಡರ್ ಕೂಡ ಹೋಗುತ್ತದೆ. ಇಂಟರ್ನೆಟ್ ಇಲ್ಲದೆ ಆಡಿ, ಸಿಂಕ್ ಆಗುವ ಮೊದಲೇ ತೆಗೆದರೆ ಆ ದಿನದ ಆಟ ನಷ್ಟ. ಗೇಮನ್ನು ಮತ್ತೆ ಹಾಕಿದಾಗ ಕ್ಲೌಡ್ ಸೇವ್ ಮತ್ತು ಲ್ಯಾಪ್‌ಟಾಪ್ ಸೇವ್ ಬೇರೆ ಬೇರೆ ಇವೆ, ಯಾವುದನ್ನು ಉಳಿಸಲಿ ಎಂದು ಸ್ಟೀಮ್ ಕೇಳಬಹುದು. ಆಗ ಗಡಿಬಿಡಿ ಬೇಡ, ಎರಡರ ದಿನಾಂಕ ಓದಿ. ಈಗಷ್ಟೇ ಹಾಕಿದ ಗೇಮಿನ ಖಾಲಿ ಸೇವ್ ‘ಹೊಸದು’ ಎಂದು ತೋರುತ್ತದೆ; ಅದನ್ನು ಆಯ್ದರೆ ಕ್ಲೌಡಿನಲ್ಲಿದ್ದ ಹಳೆಯ ಪ್ರಗತಿ ಅಳಿಸಿಹೋಗುತ್ತದೆ.

ಇನ್ನೊಂದು ಸೂಕ್ಷ್ಮ. ಅನೇಕ ಲ್ಯಾಪ್‌ಟಾಪ್‌ಗಳಲ್ಲಿ ಡಾಕ್ಯುಮೆಂಟ್ಸ್ ಫೋಲ್ಡರ್ ಒನ್‌ಡ್ರೈವ್‌ಗೆ ಜೋಡಿಸಿರುತ್ತದೆ. ಅಲ್ಲಿನ ಮೈ ಗೇಮ್ಸ್ ಅಳಿಸಿದರೆ ಕ್ಲೌಡಿನಿಂದಲೂ ಅಳಿಯುತ್ತದೆ. ವೈಯಕ್ತಿಕ ಖಾತೆಯಾದರೆ ಒನ್‌ಡ್ರೈವ್ ಜಾಲತಾಣದ ರೀಸೈಕಲ್ ಬಿನ್‌ನಲ್ಲಿ 30 ದಿನ ಇರುತ್ತದೆ, ಅಷ್ಟರೊಳಗೆ ವಾಪಸ್ ಪಡೆಯಬಹುದು.

ಸೇವ್ ಭದ್ರವಾದ ಮೇಲೆ ಉಳಿದ ಕೆಲಸ ಸುಲಭ. ಲ್ಯಾಪ್‌ಟಾಪನ್ನು ಚಾರ್ಜರಿಗೆ ಹಾಕಿ. ಅನ್‌ಇನ್‌ಸ್ಟಾಲ್ ಅರ್ಧದಲ್ಲಿ ಬ್ಯಾಟರಿ ಮುಗಿದರೆ ಪಟ್ಟಿಯಲ್ಲಿ ಇದ್ದೂ ಇಲ್ಲದಂಥ ಗೇಮ್ ಉಳಿಯುತ್ತದೆ. ಗೇಮ್ ಹೊರಗಿನ ಡ್ರೈವ್‌ನಲ್ಲಿದ್ದರೆ ಅದನ್ನು ಮೊದಲೇ ಜೋಡಿಸಿ. ಆಮೇಲೆ ಯಾವ ಲಾಂಚರ್ ತಂದಿತೋ ಅದರಿಂದಲೇ ತೆಗೆಸಿ. ಸ್ಟೀಮ್‌ನಲ್ಲಿ ಲೈಬ್ರರಿಯ ಹೆಸರಿನ ಮೇಲೆ ಬಲ ಕ್ಲಿಕ್, ಮ್ಯಾನೇಜ್, ಅನ್‌ಇನ್‌ಸ್ಟಾಲ್. ಹತ್ತಾರು ಗೇಮ್ ಒಟ್ಟಿಗೆ ತೆಗೆಯುವುದಾದರೆ ಮೇಲೆ ಹೇಳಿದ ಸ್ಟೋರೇಜ್ ಪುಟದಲ್ಲಿ ಟಿಕ್ ಹಾಕಿ ಒಮ್ಮೆಗೇ ತೆಗೆಯಬಹುದು. ಎಪಿಕ್‌ನಲ್ಲಿ ಲೈಬ್ರರಿಯ ಗೇಮಿನ ಪಕ್ಕದ ಮೂರು ಚುಕ್ಕೆ, ಎಕ್ಸ್‌ಬಾಕ್ಸ್ ಆ್ಯಪ್‌ನಲ್ಲಿ ಬಲ ಕ್ಲಿಕ್ ಮಾಡಿ ಮ್ಯಾನೇಜ್. ಲಾಂಚರ್ ಇಲ್ಲದೆ ಬಂದ ಗೇಮನ್ನು ಇನ್‌ಸ್ಟಾಲ್ಡ್ ಆ್ಯಪ್ಸ್ ಪಟ್ಟಿಯಿಂದಲೇ ತೆಗೆಯಿರಿ. ಸ್ಟೀಮ್ ಸಪೋರ್ಟ್‌ನಲ್ಲಿ ಗೇಮನ್ನು ಖಾತೆಯಿಂದಲೇ ಶಾಶ್ವತವಾಗಿ ತೆಗೆಯುವ ಆಯ್ಕೆಯೊಂದಿದೆ. ಜಾಗಕ್ಕಾಗಿ ಅದನ್ನು ಎಂದೂ ಮುಟ್ಟಬೇಡಿ. ಬರೀ ಅನ್‌ಇನ್‌ಸ್ಟಾಲ್ ಮಾಡಿದರೆ ಕೊಂಡ ಗೇಮ್ ಖಾತೆಯಲ್ಲಿ ಹಾಗೇ ಇರುತ್ತದೆ. ತಿಂಗಳ ಚಂದಾ ಇದ್ದರೆ ಅದೂ ಹಾಗೇ ನಡೆಯುತ್ತಿರುತ್ತದೆ, ಅದನ್ನು ಬೇರೆಯಾಗಿ ನಿಲ್ಲಿಸಬೇಕು.

ಫೈಲ್ ಬಳಕೆಯಲ್ಲಿದೆ ಎಂದು ಕೆಲಸ ನಿಂತರೆ ಗೇಮ್ ಹಿನ್ನೆಲೆಯಲ್ಲಿ ಇನ್ನೂ ಓಡುತ್ತಿದೆ ಎಂದರ್ಥ. ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಒಟ್ಟಿಗೆ ಒತ್ತಿ ಟಾಸ್ಕ್ ಮ್ಯಾನೇಜರ್ ತೆರೆದು ಅದನ್ನು ನಿಲ್ಲಿಸಿ. ಆಗಲೂ ಆಗದಿದ್ದರೆ ಶಟ್ ಡೌನ್ ಅಲ್ಲ, ರೀಸ್ಟಾರ್ಟ್ ಕೊಡಿ. ಫಾಸ್ಟ್ ಸ್ಟಾರ್ಟಪ್ ಆನ್ ಇದ್ದಾಗ ಶಟ್ ಡೌನ್ ಮಾಡಿದರೆ ವಿಂಡೋಸಿನ ಒಳಗಿನ ಸ್ಥಿತಿ ಪೂರ್ತಿ ಹೊಸದಾಗುವುದಿಲ್ಲ.

ಮೊದಲೇ ಫೋಲ್ಡರ್ ಅಳಿಸಿಬಿಟ್ಟಿದ್ದರೂ ದಾರಿ ಇದೆ. ಸ್ಟೀಮ್‌ನಲ್ಲಿ ಆ ಗೇಮ್ ಇನ್ನೂ ಪ್ಲೇ ಎಂದೇ ತೋರಿಸುತ್ತದೆ, ಏಕೆಂದರೆ ಸ್ಟೀಮ್‌ಆ್ಯಪ್ಸ್ ಫೋಲ್ಡರಿನಲ್ಲಿ ಆ್ಯಪ್‌ಮ್ಯಾನಿಫೆಸ್ಟ್ ಎಂದು ಶುರುವಾಗುವ, ಗೇಮಿನ ಸಂಖ್ಯೆ ಹೊತ್ತ ಸಣ್ಣ ಫೈಲ್ ಉಳಿದಿರುತ್ತದೆ. ಸ್ಟೀಮ್ ಒಳಗಿನಿಂದ ಅನ್‌ಇನ್‌ಸ್ಟಾಲ್ ಕೊಟ್ಟರೆ ಅದೂ ಹೋಗುತ್ತದೆ. ವಿಂಡೋಸ್ ಪಟ್ಟಿಯಲ್ಲಿ ಉಳಿದದ್ದನ್ನು ಕಂಟ್ರೋಲ್ ಪ್ಯಾನೆಲ್‌ನ ಪ್ರೋಗ್ರಾಮ್ಸ್ ಆ್ಯಂಡ್ ಫೀಚರ್ಸ್‌ನಿಂದ ತೆಗೆಯಲು ಹೋದರೆ, ಇದು ಆಗಲೇ ಹೋಗಿರಬಹುದು, ಪಟ್ಟಿಯಿಂದ ಹೆಸರು ಕೀಳಲೇ ಎಂದು ವಿಂಡೋಸ್ ಕೇಳುತ್ತದೆ; ಯೆಸ್ ಎನ್ನಿ. ಅನ್‌ಇನ್‌ಸ್ಟಾಲರೇ ಕೆಟ್ಟಿದ್ದರೆ ಅದೇ ಗೇಮನ್ನು ಅದೇ ಫೋಲ್ಡರಿಗೆ ಮತ್ತೆ ಹಾಕಿ, ಸರಿಯಾದ ದಾರಿಯಲ್ಲಿ ತೆಗೆಯುವುದು ನನ್ನ ಲೆಕ್ಕದಲ್ಲಿ ಅತ್ಯಂತ ಶುದ್ಧ ಪರಿಹಾರ.

ಆನ್‌ಲೈನ್ ಗೇಮ್‌ಗಳ ಜೊತೆ ಮೋಸ ತಡೆಯುವ ಆ್ಯಂಟಿ ಚೀಟ್ ಕಾರ್ಯಕ್ರಮ ಬರುತ್ತದೆ. ಗೇಮ್ ಹೋದ ಮೇಲೂ ಇದು ಉಳಿಯಬಹುದು. ವ್ಯಾಲೊರಂಟ್ ಜೊತೆ ಬರುವ ವ್ಯಾನ್‌ಗಾರ್ಡ್‌ಗೆ ಕರ್ನಲ್ ಮಟ್ಟದ, ಅಂದರೆ ವಿಂಡೋಸಿನ ತಿರುಳಿನಲ್ಲೇ ಓಡುವ ಡ್ರೈವರ್ ಇದೆ, ಅದು ಲ್ಯಾಪ್‌ಟಾಪ್ ಆನ್ ಆಗುವಾಗಲೇ ಶುರುವಾಗುತ್ತದೆ. ಇನ್‌ಸ್ಟಾಲ್ಡ್ ಆ್ಯಪ್ಸ್ ಪಟ್ಟಿಯಲ್ಲಿ ಅದು ಗೇಮಿನಿಂದ ಬೇರೆಯಾದ ಸಾಲಾಗಿ ಇರುತ್ತದೆ. ಗಡಿಯಾರದ ಪಕ್ಕದ ಐಕಾನಿನಿಂದ ಮೊದಲು ಅದನ್ನು ನಿಲ್ಲಿಸಿ, ಆಮೇಲೆ ತೆಗೆದು, ರೀಸ್ಟಾರ್ಟ್ ಮಾಡಿ. ಲೀಗ್ ಆಫ್ ಲೆಜೆಂಡ್ಸ್ ಕೂಡ 2024ರಿಂದ ಇದನ್ನೇ ಬಳಸುತ್ತದೆ. ಅದನ್ನು ಆಡುತ್ತಿದ್ದರೆ ವ್ಯಾನ್‌ಗಾರ್ಡ್ ಉಳಿಯಲಿ. ಈಸಿ ಆ್ಯಂಟಿ ಚೀಟ್, ಬ್ಯಾಟಲ್‌ಐ ಇವೂ ಹಲವು ಗೇಮ್‌ಗಳಿಗೆ ಒಟ್ಟಿಗೆ ಸೇವೆ ಮಾಡುವಂಥವು. ಉಳಿದ ಯಾವ ಗೇಮಿಗೂ ಬೇಡ ಎಂದು ಖಚಿತವಾಗುವವರೆಗೆ ಕೈ ಹಾಕಬೇಡಿ.

ಲಾಂಚರ್ ಕೊನೆಗೆ ಎಂದದ್ದಕ್ಕೆ ಕಾರಣ ಇದು: ಸ್ಟೀಮನ್ನೇ ಅನ್‌ಇನ್‌ಸ್ಟಾಲ್ ಮಾಡಿದರೆ ಅದರ ಮುಖ್ಯ ಫೋಲ್ಡರಿನಲ್ಲಿದ್ದ ಗೇಮ್‌ಗಳೆಲ್ಲ ಅದರೊಂದಿಗೇ ಅಳಿಯುತ್ತವೆ, ಬೇಕಾದದ್ದೂ ಬೇಡದ್ದೂ. ಬೇರೆ ಡ್ರೈವ್‌ನಲ್ಲಿ ಮಾಡಿದ ಲೈಬ್ರರಿ ಮಾತ್ರ ಯಜಮಾನನಿಲ್ಲದ ಮನೆಯಂತೆ ಹಾಗೇ ಜಾಗ ಹಿಡಿದು ಕೂತಿರುತ್ತದೆ.

ಆಮೇಲೆ ಗುಡಿಸುವ ಕೆಲಸ. ಸ್ಟೀಮ್ ತಾನು ತಂದಿಟ್ಟ ಫೈಲ್‌ಗಳನ್ನಷ್ಟೇ ಅಳಿಸುತ್ತದೆ. ನೀವು ಕೈಯಾರೆ ಹಾಕಿದ ಮಾಡ್‌ಗಳು (ಗೇಮನ್ನು ಬದಲಿಸುವ ಹೆಚ್ಚುವರಿ ಫೈಲ್‌ಗಳು), ಗೇಮ್ ತಾನೇ ಬರೆದ ಫೈಲ್‌ಗಳು ಸ್ಟೀಮ್‌ಆ್ಯಪ್ಸ್ ಒಳಗಿನ ಕಾಮನ್ ಫೋಲ್ಡರಿನಲ್ಲಿ ಉಳಿಯುತ್ತವೆ. ಮಾಡ್ ಹೆಚ್ಚು ಹಾಕಿದ ಗೇಮಿನಲ್ಲಿ ಇದೇ ಹಲವು ಜಿಬಿ ಆಗಬಹುದು. ಪಕ್ಕದ ವರ್ಕ್‌ಶಾಪ್ ಫೋಲ್ಡರ್ ಕೂಡ ನೋಡಿ. ಚಿತ್ರ ಬೇಗ ಮೂಡಲೆಂದು ಗ್ರಾಫಿಕ್ಸ್ ಕೂಡಿಟ್ಟ ಶೇಡರ್ ಕ್ಯಾಶ್ ತೆಗೆಯಲು ಡಿಸ್ಕ್ ಕ್ಲೀನಪ್‌ನಲ್ಲಿ ಡೈರೆಕ್ಟ್‌ಎಕ್ಸ್ ಶೇಡರ್ ಕ್ಯಾಶ್ ಎಂಬ ಸಾಲಿಗೆ ಟಿಕ್ ಹಾಕಿದರೆ ಸಾಕು. ಬೇಕಾದಾಗ ಅದು ತಾನೇ ಮತ್ತೆ ಕಟ್ಟಿಕೊಳ್ಳುತ್ತದೆ. ಆದರೆ ಪಟ್ಟಿಯಲ್ಲಿ ಸಾಲುಗಟ್ಟಿ ಕಾಣುವ ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್‌ಗಳನ್ನು (ಹಲವು ಪ್ರೋಗ್ರಾಮ್‌ಗಳು ಹಂಚಿಕೊಳ್ಳುವ ಸಹಾಯಕ ಫೈಲ್‌ಗಳು) ಹಾಗೇ ಬಿಡಿ. ಒಂದೊಂದೂ ಕೆಲವೇ ಎಂಬಿ. ಅವನ್ನು ತೆಗೆದರೆ ಗೇಮಿಗೆ ಸಂಬಂಧವೇ ಇಲ್ಲದ ಇನ್ಯಾವುದೋ ಪ್ರೋಗ್ರಾಮ್ ತೆರೆಯುವುದೇ ಇಲ್ಲ. ರಿಜಿಸ್ಟ್ರಿ ಕ್ಲೀನರ್ ಎಂಬ ಸಾಫ್ಟ್‌ವೇರ್‌ಗಳೂ ಬೇಡ. ಉಳಿದ ನಾಲ್ಕು ಸಾಲಿನ ರಿಜಿಸ್ಟ್ರಿಯಿಂದ ಲ್ಯಾಪ್‌ಟಾಪ್ ನಿಧಾನವಾಗುವುದಿಲ್ಲ.

ಮ್ಯಾಕ್‌ನಲ್ಲಿ ಆ್ಯಪನ್ನು ಟ್ರ್ಯಾಶ್‌ಗೆ ಎಳೆದರೂ ಲೈಬ್ರರಿ ಫೋಲ್ಡರಿನ ಆ್ಯಪ್ಲಿಕೇಶನ್ ಸಪೋರ್ಟ್‌ನಲ್ಲಿ ಅದರ ದತ್ತಾಂಶ ಉಳಿಯುತ್ತದೆ. ಲಿನಕ್ಸ್‌ನ ಸ್ಟೀಮ್‌ನಲ್ಲಿ ಪ್ರೋಟಾನ್ (ವಿಂಡೋಸ್ ಗೇಮ್‌ಗಳನ್ನು ಲಿನಕ್ಸ್‌ನಲ್ಲಿ ಓಡಿಸುವ ಸಾಧನ) ಮೂಲಕ ಆಡಿದ ಗೇಮಿನ ಸೇವ್ ಕಾಂಪಾಟ್‌ಡೇಟಾ ಫೋಲ್ಡರಿನಲ್ಲಿ ಇರುತ್ತದೆ, ಅದನ್ನು ಕಸ ಎಂದು ಮೊದಲೇ ಅಳಿಸಬೇಡಿ.

ಇಷ್ಟಾದರೂ ಜಾಗ ಹೆಚ್ಚಾಗದಿದ್ದರೆ ನಾನು ಮೊದಲು ನೋಡುವುದು ರೀಸೈಕಲ್ ಬಿನ್. ಕೈಯಿಂದ ಅಳಿಸಿದ್ದೆಲ್ಲ ಅಲ್ಲೇ ಇರುತ್ತದೆ. ಎರಡನೆಯದು ವಿಂಡೋಸನ್ನು ಹಿಂದಿನ ಸ್ಥಿತಿಗೆ ಮರಳಿಸುವ ಸಿಸ್ಟಮ್ ರಿಸ್ಟೋರ್. ಹಳೆಯ ರಿಸ್ಟೋರ್ ಪಾಯಿಂಟ್‌ಗಳು ಹಳೆಯ ದತ್ತಾಂಶದ ಪ್ರತಿ ಹಿಡಿದಿಟ್ಟುಕೊಳ್ಳುವುದರಿಂದ ಅಳಿಸಿದಷ್ಟೂ ಕೂಡಲೇ ಸಿಗದೆ ಇರಬಹುದು. ಸಿಸ್ಟಮ್ ಪ್ರೊಟೆಕ್ಷನ್ ತೆರೆದು ಅದಕ್ಕೆ ಎಷ್ಟು ಜಾಗ ಬಿಟ್ಟಿದೆ ಎಂದು ನೋಡಿ, ಮಿತಿ ಇಳಿಸಿ. ಎಸ್‌ಎಸ್‌ಡಿ ಇದ್ದರೆ ಡಿಫ್ರಾಗ್ ಸಾಫ್ಟ್‌ವೇರ್ ಹಾಕುವ ಅಗತ್ಯವಿಲ್ಲ. ವಿಂಡೋಸಿನ ಆಪ್ಟಿಮೈಸ್ ಡ್ರೈವ್ಸ್ ತೆರೆದು ಒಮ್ಮೆ ಆಪ್ಟಿಮೈಸ್ ಒತ್ತಿದರೆ ಟ್ರಿಮ್ ನಡೆಯುತ್ತದೆ, ಖಾಲಿಯಾದ ಜಾಗ ಯಾವುದು ಎಂದು ಡಿಸ್ಕಿಗೆ ತಿಳಿಯುತ್ತದೆ. ಒಟ್ಟು ಜಾಗದಲ್ಲಿ ಶೇಕಡ 15ರಷ್ಟಾದರೂ ಖಾಲಿ ಕಾಣುವವರೆಗೆ ನಾನು ಪಟ್ಟಿಯ ಮುಂದಿನ ಗೇಮಿಗೆ ಹೋಗುತ್ತೇನೆ.