ಅಡಿಕೆ ಸುಲಿಯುವವರಿಗೆ ಫುಟ್‌ಬಾಲ್ ಹೇಳಿದ್ದು

ಅಡಿಕೆ ಸುಲಿಯುವವರು ಟಿವಿ ನೋಡುವ ಹಾಗಿಲ್ಲ. ಮೆಟ್ಟುಗತ್ತಿಯ ಮೇಲಿಂದ ಕಣ್ಣು ಒಂದು ಗಳಿಗೆ ಸರಿದರೂ ಬೆರಳಿಗೆ ಪೆಟ್ಟು. ಕೊಯ್ದ ಅಡಿಕೆಯನ್ನು ಹಾಗೆಯೇ ಇಟ್ಟುಕೊಳ್ಳಲೂ ಬರುವುದಿಲ್ಲ, ಸುಲಿದು ಬೇಯಿಸಲೇಬೇಕು. ಹಾಗಾಗಿ ಸುಗ್ಗಿಯ ದಿನಗಳಲ್ಲಿ ಹೊಸನಗರ ತಾಲ್ಲೂಕಿನ ನನ್ನ ಸೋದರಮಾವನ ಅಂಗಳದಲ್ಲಿ ರಾತ್ರಿ ಇಪ್ಪತ್ತು ಇಪ್ಪತ್ತೈದು ಜನ ಚಪ್ಪರದ ಕೆಳಗೆ ಸಾಲಾಗಿ ಕೂತು ಸುಲಿಯುತ್ತಾರೆ. ಡಬ್ಬದ ಲೆಕ್ಕದಲ್ಲಿ ಕೂಲಿ. ಕೈ ನಿಂತರೆ ಲೆಕ್ಕವೂ ನಿಲ್ಲುತ್ತದೆ.

2016ರ ನವೆಂಬರ್ 5, ಶನಿವಾರ. ಆ ರಾತ್ರಿ ದೋಹಾದಲ್ಲಿ ಏಷ್ಯಾದ ಕ್ಲಬ್ಬುಗಳು ಆಡುವ ಎಎಫ್‌ಸಿ ಕಪ್ ಫೈನಲ್. ಬೆಂಗಳೂರು ಎಫ್‌ಸಿ ಆಡುತ್ತಿತ್ತು. ಭಾರತದ ಯಾವ ಕ್ಲಬ್ಬೂ ಅದಕ್ಕೂ ಮೊದಲು ಆ ಫೈನಲ್ ಕಂಡಿರಲಿಲ್ಲ. ಬಿಟ್ಟು ಬರಲಾಗದಷ್ಟು ಕೆಲಸ ಅಂಗಳದಲ್ಲಿತ್ತು, ಬಿಟ್ಟುಕೊಡಲಾಗದ ಪಂದ್ಯ ಟಿವಿಯಲ್ಲಿತ್ತು. ಟಿವಿಯನ್ನು ಜಗಲಿಗೆ ತಂದಿಟ್ಟೆ, ಇಂಗ್ಲಿಷ್ ಧ್ವನಿಯನ್ನು ಪೂರ್ತಿ ತಗ್ಗಿಸಿದೆ, ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕೂತೆ. ಅಲ್ಲಿದ್ದವರಲ್ಲಿ ಫುಟ್‌ಬಾಲ್ ಪಂದ್ಯವನ್ನು ಮೊದಲಿನಿಂದ ಕೊನೆಯವರೆಗೆ ನೋಡಿದ್ದವರು ಇಬ್ಬರೇ ಹುಡುಗರು.

ನಾನು ಪ್ರೌಢಶಾಲೆಯೊಂದರಲ್ಲಿ ದೈಹಿಕ ಶಿಕ್ಷಣ ಶಿಕ್ಷಕ. ಹೊನಲು ಬೆಳಕಿನ ಕಬಡ್ಡಿ, ವಾಲಿಬಾಲ್ ಪಂದ್ಯಾವಳಿಗಳಲ್ಲಿ ವರ್ಷಗಳಿಂದ ಮೈಕ್ ಹಿಡಿದವನು. ಕಬಡ್ಡಿಯಲ್ಲಿ ಮಾತು ನಿಲ್ಲುವಂತಿಲ್ಲ. ಒಂದು ದಾಳಿ ಮೂವತ್ತು ಸೆಕೆಂಡಿನದು, ಅಷ್ಟನ್ನೂ ಬಾಯಿಂದ ತುಂಬಬೇಕು. ಫುಟ್‌ಬಾಲಿಗೆ ಅದು ಹೊಂದುವುದಿಲ್ಲ ಎಂದು ನನಗೆ ತಿಳಿದದ್ದು ಫೈನಲ್‌ಗಿಂತ ಹದಿನೇಳು ದಿನ ಮೊದಲು, ಕಂಠೀರವ ಕ್ರೀಡಾಂಗಣದಲ್ಲಿ.

ಅಕ್ಟೋಬರ್ 19ರ ಆ ಸೆಮಿಫೈನಲ್‌ಗಾಗಿ ಶಿವಮೊಗ್ಗದಿಂದ ಬೆಳಗಿನ ಬಸ್ಸಿಗೆ ಹೊರಟಿದ್ದೆ. ಎದುರಾಳಿ ಮಲೇಷ್ಯಾದ ಜೊಹೊರ್ ದಾರುಲ್ ತಾಜಿಮ್, ಹಿಂದಿನ ವರ್ಷದ ಚಾಂಪಿಯನ್. ಅವರ ಊರಿನಲ್ಲಿ ನಡೆದ ಮೊದಲ ಪಂದ್ಯ 1-1. ಇಲ್ಲಿ ಹನ್ನೊಂದನೇ ನಿಮಿಷಕ್ಕೇ ಅವರು ಗೋಲು ಹೊಡೆದರು, ಕ್ರೀಡಾಂಗಣ ತಣ್ಣಗಾಯಿತು. ಆಮೇಲೆ ಸುನಿಲ್ ಛೆಟ್ರಿ ಎರಡು, ಸ್ಪೇನಿನ ಹುವಾನನ್ ಒಂದು; 3-1. ಗೋಲುಗಳಿಗಿಂತ ನನ್ನ ಕಣ್ಣು ಪಕ್ಕದಲ್ಲಿ ಕೂತಿದ್ದ ಹಿರಿಯರ ಮೇಲೆಯೇ ಹೋಗುತ್ತಿತ್ತು. ಅವರು ತಮ್ಮ ಮೊಮ್ಮಗನಿಗೆ ಆಟ ಹೇಳುತ್ತಿದ್ದರು. ಚೆಂಡು ಮಧ್ಯದಲ್ಲಿ ಸುಮ್ಮನೆ ಓಡಾಡುವಾಗ ಮಾತಿಲ್ಲ. ಒಬ್ಬ ಆಟಗಾರ ತಲೆ ಎತ್ತಿ ದೂರ ನೋಡಿದ ಕೂಡಲೇ, ‘ನೋಡು, ಈಗ’ ಎಂದರು. ಆ ‘ಈಗ’ ಎಂಬ ಮಾತಿನ ಬೆಲೆ ಅದರ ಹಿಂದಿದ್ದ ಮೌನದಲ್ಲಿತ್ತು. ಮರಳುವ ರಾತ್ರಿ ಬಸ್ಸಿನಲ್ಲಿ ನಾನು ಅದನ್ನೇ ಯೋಚಿಸುತ್ತಿದ್ದೆ.

ಆಮೇಲಿನ ಎರಡು ವಾರ ಸಂಜೆ ಹೊತ್ತು ಒಂದು ನೋಟ್‌ಬುಕ್ ಹಿಡಿದು ಕೂತೆ. ಗೋಲು, ಕಾರ್ನರ್, ಫ್ರೀ ಕಿಕ್, ಹಳದಿ ಕಾರ್ಡ್ ಎಂಬ ಮಾತುಗಳಿಗೆ ಕನ್ನಡ ಹುಡುಕಲು ಹೋಗಲಿಲ್ಲ. ಅವು ಶಾಲೆಯ ಮೈದಾನದಲ್ಲಿ ಈಗಾಗಲೇ ಕನ್ನಡದ್ದೇ ಆಗಿವೆ. ಕಷ್ಟವಿದ್ದದ್ದು ಹೆಸರುಗಳಲ್ಲಿ. ಎದುರಾಳಿ ಇರಾಕಿನ ಅಲ್-ಕುವಾ ಅಲ್-ಜವಿಯಾ. ಅದನ್ನು ಅವಸರದಲ್ಲಿ ಹತ್ತು ಸಲ ಹೇಳಿದರೆ ನನ್ನ ನಾಲಗೆಯೂ ತೊಡರುತ್ತದೆ, ಕೇಳುವವರ ಕಿವಿಯೂ ದಣಿಯುತ್ತದೆ. ಅರಬ್ಬಿಯಲ್ಲಿ ಅದರ ಅರ್ಥ ವಾಯುಪಡೆ. ಹೆಸರನ್ನು ಮೊದಲಿಗೆ ಎರಡು ಸಲ ಪೂರ್ತಿ ಹೇಳಿ, ಅಲ್ಲಿಂದ ಮುಂದೆ ‘ವಾಯುಪಡೆ’ ಎಂದೇ ಕರೆಯುವುದೆಂದು ಬರೆದುಕೊಂಡೆ. ಹಮ್ಮಾದಿ ಅಹ್ಮದ್ ಎಂಬ ಹೆಸರಿಗೆ ಕೆಳಗೆರೆ ಎಳೆದಿದ್ದೆ. ಫೈನಲ್‌ಗೆ ಬರುವಷ್ಟರಲ್ಲಿ ಅವನೊಬ್ಬನೇ ಹದಿನೈದು ಗೋಲು ಹೊಡೆದಿದ್ದ.

ಇನ್ನೊಂದು ತೊಡಕು ಜಾಗದ್ದು. ‘ಬಲಬದಿಯಲ್ಲಿ ಚೆಂಡು’ ಎಂದರೆ ಯಾರ ಬಲ? ಪರದೆಯನ್ನೇ ನೋಡದವನಿಗೆ ಎಡಬಲ ಇಲ್ಲ. ಪಂದ್ಯದ ದಿನ ಸಂಜೆ ಅಂಗಳದಲ್ಲಿ ನಿಂತಿದ್ದಾಗ ದಾರಿ ಹೊಳೆಯಿತು. ಅಂಗಳವೇ ಮೈದಾನ. ತುಳಸಿಕಟ್ಟೆ ಮಧ್ಯದ ವೃತ್ತ. ಒಂದು ಗೋಲು ಕೊಟ್ಟಿಗೆಯ ಕಡೆ, ಇನ್ನೊಂದು ತೋಟದ ಕಡೆ. ಒಂದು ಅಂಚು ಜಗಲಿ, ಇನ್ನೊಂದು ಅಂಚು ಬಾವಿಕಟ್ಟೆ. ‘ಉದಾಂತ ಬಾವಿಕಟ್ಟೆ ಅಂಚಿನಲ್ಲಿ ಓಡುತ್ತಿದ್ದಾನೆ, ತೋಟದ ಕಡೆಗೆ’ ಎಂದರೆ ತಲೆ ಎತ್ತದೆಯೇ ಎಲ್ಲರಿಗೂ ಕಾಣುತ್ತದೆ. ಈವರೆಗೆ ನಾನು ಕಂಡುಕೊಂಡದ್ದರಲ್ಲಿ ಇದಕ್ಕಿಂತ ಉಪಯೋಗದ ಉಪಾಯ ಮತ್ತೊಂದಿಲ್ಲ.

ಆಫ್‌ಸೈಡ್ ಮಾತ್ರ ಮಾತಿಗೆ ಬಗ್ಗಲಿಲ್ಲ. ಪಂದ್ಯಕ್ಕೆ ಮೊದಲು, ಚಹಾ ಕುಡಿಯಲು ಎಲ್ಲರೂ ಎದ್ದಾಗ, ಜಗಲಿಯ ಮೇಲೆ ಹಸಿರು ಅಡಿಕೆ ಐದು, ಹಣ್ಣಡಿಕೆ ಐದು ಇಟ್ಟೆ. ಹಸಿರು ಬೆಂಗಳೂರು, ಹಣ್ಣು ವಾಯುಪಡೆ. ಗೋಲಿನ ಹತ್ತಿರ ಒಂದು ಹಣ್ಣಡಿಕೆ, ಅದು ಗೋಲ್‌ಕೀಪರ್. ಅದರ ಮುಂದೆ ಇನ್ನೊಂದು. ‘ಚೆಂಡು ಒದೆಯುವ ಕ್ಷಣದಲ್ಲಿ ನಮ್ಮ ಹಸಿರು ಈ ಎರಡನೇ ಹಣ್ಣಡಿಕೆಯನ್ನು ದಾಟಿ ನಿಂತಿದ್ದು, ಚೆಂಡು ಅವನಿಗೇ ಬಂದರೆ ತಪ್ಪು’ ಎಂದೆ. ಸುಲಿಯುವವರಲ್ಲಿ ಹಿರಿಯರಾದ ಅಕ್ಕ ಒಬ್ಬರು ಹಸಿರು ಅಡಿಕೆಯನ್ನು ಬೆರಳಿನಿಂದ ಮುಂದೆ ಹಿಂದೆ ಸರಿಸಿ ನೋಡಿ, ‘ಬಡಿಸುವವರು ಕರೆಯುವ ಮೊದಲೇ ಹೋಗಿ ಎಲೆಯ ಮುಂದೆ ಕೂತ ಹಾಗೆ’ ಎಂದರು. ನಾನು ಶಾಲೆಯಲ್ಲಿ ಇಂದಿಗೂ ಆಫ್‌ಸೈಡನ್ನು ಆ ಮಾತಿನಿಂದಲೇ ಕಲಿಸುತ್ತೇನೆ.

ಅವರೇ ಮುಂದಿನ ಪ್ರಶ್ನೆಯನ್ನೂ ಕೇಳಿದರು. ‘ಮೇಷ್ಟ್ರೇ, ಏಷ್ಯಾದಲ್ಲಿ ಇದೇ ದೊಡ್ಡ ಕಪ್ಪಾ?’

ಅಲ್ಲ. ಮೇಲಿನದು ಚಾಂಪಿಯನ್ಸ್ ಲೀಗ್. ಜಪಾನ್, ಕೊರಿಯಾ, ಸೌದಿ ಅರೇಬಿಯಾದ ಸಿರಿವಂತ ಕ್ಲಬ್ಬುಗಳು ಅಲ್ಲಿ ಆಡುತ್ತವೆ. ಎಎಫ್‌ಸಿ ಕಪ್ 2004ರಲ್ಲಿ ಆರಂಭವಾದ ಎರಡನೇ ದರ್ಜೆಯ ಪಂದ್ಯಾವಳಿ. ಮೊದಲ ಸಲ ಗೆದ್ದದ್ದು ಸಿರಿಯಾದ ಅಲ್-ಜೈಶ್. ಜೋರ್ಡಾನ್, ಬಹರೈನ್, ಕುವೈತ್, ಉಜ್ಬೇಕಿಸ್ತಾನದ ಕ್ಲಬ್ಬುಗಳು ಗೆದ್ದಿವೆ. ಆ ವರ್ಷ ಬೆಂಗಳೂರು ಮ್ಯಾನ್ಮಾರ್ ಮತ್ತು ಲಾವೋಸಿನ ತಂಡಗಳೊಡನೆ ಗುಂಪಿನಲ್ಲಿ ಆಡಿ, ಹಾಂಗ್‌ಕಾಂಗಿನ ಕಿಚಿಯನ್ನೂ ಸಿಂಗಪುರದ ಟ್ಯಾಂಪಿನೀಸ್ ರೋವರ್ಸನ್ನೂ ದಾಟಿ ಬಂದಿತ್ತು. ಎರಡನೇ ದರ್ಜೆ ಎಂದು ನಾನು ಮುಚ್ಚಿಡಲಿಲ್ಲ. ಆದರೆ ಭಾರತದ ಒಂದು ಕ್ಲಬ್ಬು ಅಷ್ಟು ದೇಶಗಳ ಎದುರು ಆಡಿ ಫೈನಲ್ ತಲುಪಲು ಏಷ್ಯಾದಲ್ಲಿ ಇದ್ದ ದಾರಿ ಇದು. ನನಗೆ ಈ ಪಂದ್ಯಾವಳಿಯ ಮೇಲೆ ಮೊದಲಿನಿಂದಲೂ ಇರುವ ಪ್ರೀತಿ ಅದಕ್ಕಾಗಿಯೇ.

ಎದುರಾಳಿಯ ಬಗ್ಗೆಯೂ ಹೇಳಿದೆ. ವಾಯುಪಡೆ ತಂಡ ಬಾಗ್ದಾದಿನದು, 1931ರಲ್ಲಿ ಹುಟ್ಟಿದ್ದು. ಆದರೆ ಇರಾಕಿನಲ್ಲಿ ಭದ್ರತೆಯ ಕಾರಣಕ್ಕೆ ಅಂತರರಾಷ್ಟ್ರೀಯ ಪಂದ್ಯಗಳಿಗೆ ಅನುಮತಿ ಇರಲಿಲ್ಲ, ಆದ್ದರಿಂದ ತಮ್ಮ ತವರಿನ ಪಂದ್ಯಗಳನ್ನೂ ಅವರು ಕತಾರಿನಲ್ಲಿಯೇ ಆಡಬೇಕಾಗಿತ್ತು. ಲಿಂಗನಮಕ್ಕಿಯ ಮುಳುಗಡೆಯಲ್ಲಿ ಮನೆ ಕಳೆದುಕೊಂಡು ಬಂದ ಕುಟುಂಬದ ಹಿರಿಯರೊಬ್ಬರು ಸಾಲಿನ ಕೊನೆಯಲ್ಲಿದ್ದರು. ‘ಹಾಗಾದರೆ ಅವರದ್ದೂ ಊರು ಬಿಟ್ಟ ತಂಡ’ ಎಂದರು. ಅಲ್ಲಿಂದ ಮುಂದೆ ಆ ರಾತ್ರಿ ಯಾರೂ ವಾಯುಪಡೆಯನ್ನು ಬೈಯಲಿಲ್ಲ.

ಒಂಬತ್ತೂವರೆಗೆ ಪಂದ್ಯ ಶುರುವಾಯಿತು. ಗೋಲಿನಲ್ಲಿ ಅಮರಿಂದರ್ ಸಿಂಗ್ ಇರಲಿಲ್ಲ, ಹಳದಿ ಕಾರ್ಡುಗಳ ಲೆಕ್ಕ ಅವನನ್ನು ಫೈನಲ್‌ನಿಂದ ಹೊರಗಿಟ್ಟಿತ್ತು. ಅವನ ಜಾಗಕ್ಕೆ ರಾಲ್ಟೆ. ಮೊದಲರ್ಧ ಗೋಲಿಲ್ಲದೆ ಕಳೆಯಿತು. ನಾನು ಮಾತು ಕಡಿಮೆ ಮಾಡಲು ಕಲಿತೆ. ಚೆಂಡು ತುಳಸಿಕಟ್ಟೆಯ ಸುತ್ತ ಇದ್ದಾಗ ಸುಮ್ಮನಿರುತ್ತಿದ್ದೆ, ಕತ್ತಿಗಳ ಚರ್ ಚರ್ ಸದ್ದು ಮಾತ್ರ. ‘ಕೊಟ್ಟಿಗೆ ಕಡೆಗೆ’ ಎಂದು ದನಿ ಏರಿಸಿದರೆ ಆ ಸದ್ದು ಒಮ್ಮೆಲೇ ನಿಲ್ಲುತ್ತಿತ್ತು. ಕೇಳುತ್ತಿದ್ದಾರೆ ಎಂದು ನನಗೆ ತಿಳಿಯುತ್ತಿದ್ದದ್ದು ಹಾಗೆ.

ದ್ವಿತೀಯಾರ್ಧದಲ್ಲಿ, ಅರವತ್ತೈದನೇ ನಿಮಿಷದ ಹೊತ್ತಿಗೆ, ಕರೆಂಟ್ ಹೋಯಿತು. ಚಾರ್ಜರ್ ದೀಪ ಹಚ್ಚಿಕೊಂಡು ಸುಲಿಯುವ ಕೆಲಸ ಮುಂದುವರಿಯಿತು. ಎಲ್ಲರೂ ನನ್ನ ಕಡೆ ಕಿವಿ ಇಟ್ಟಿದ್ದರು. ಹುಡುಗನೊಬ್ಬ, ‘ಸರ್, ಸುಮ್ಮನೆ ಏನಾದರೂ ಹೇಳಿ’ ಎಂದ. ಬಾಯಿ ತುದಿಗೆ ಮಾತು ಬಂದಿತ್ತು. ಇಪ್ಪತ್ತು ನಿಮಿಷವಾದರೂ ಕಟ್ಟಿ ಹೇಳಬಲ್ಲೆ, ಕಬಡ್ಡಿಯ ಮೈಕ್ ಅಷ್ಟು ಅಭ್ಯಾಸ ಮಾಡಿಸಿದೆ. ಆದರೆ ಅಷ್ಟು ಹೊತ್ತು ಆ ಜನ ನನ್ನ ಕಣ್ಣನ್ನು ನಂಬಿ ತಮ್ಮ ಕಣ್ಣನ್ನು ಕತ್ತಿಯ ಮೇಲೆ ಇಟ್ಟಿದ್ದರು. ‘ಕಾಣಿಸದೆ ಹೇಳುವುದಿಲ್ಲ’ ಎಂದೆ.

ಕರೆಂಟ್ ಮರಳಿದಾಗ ಪರದೆಯ ಮೂಲೆಯಲ್ಲಿ 1-0 ಎಂದಿತ್ತು. ವಾಯುಪಡೆಗೆ ಒಂದು. ‘ಗೋಲು ಬಿದ್ದಿದೆ, ನಾನು ನೋಡಲಿಲ್ಲ’ ಎಂದು ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಅಕ್ಕ ಕೈ ನಿಲ್ಲಿಸಿ, ‘ಹೇಗೆ ಬಿತ್ತು?’ ಎಂದರು. ನನ್ನ ಬಳಿ ಉತ್ತರವಿರಲಿಲ್ಲ. ಉಳಿದ ನಿಮಿಷಗಳಲ್ಲಿ ಬೆಂಗಳೂರಿಗೆ ಸಮ ಮಾಡಲಾಗಲಿಲ್ಲ. ಪಂದ್ಯ ಮುಗಿದಾಗ ಹನ್ನೊಂದೂವರೆ. ದಿನವೂ ಹತ್ತೂವರೆಗೆ ಏಳುವವರು ಅಲ್ಲಿಯವರೆಗೂ ಕೂತಿದ್ದರು.

ಭಾನುವಾರ ಹೊಸನಗರಕ್ಕೆ ಹೋಗಿ ಸಿಗ್ನಲ್ ಸಿಕ್ಕಲ್ಲಿ ನಿಂತು ಮೊಬೈಲಿನಲ್ಲಿ ಆ ಗೋಲನ್ನು ಏಳೆಂಟು ಸಲ ನೋಡಿದೆ. ರಾತ್ರಿ ಮತ್ತೆ ಜಗಲಿಯ ಮೇಲೆ ಅಡಿಕೆ ಇಟ್ಟೆ. ಎಪ್ಪತ್ತನೇ ನಿಮಿಷ. ಅಮ್ಜದ್ ರಾಧಿ ಅಂಚಿನಿಂದ ಒಳನುಗ್ಗಿದ, ಚೆಂಡನ್ನು ಗೋಲಿನ ಮುಂದೆ ಅಡ್ಡಕ್ಕೆ ಕೊಟ್ಟ, ಅಲ್ಲಿ ಕಾದಿದ್ದ ಹಮ್ಮಾದಿ ಹತ್ತಿರದಿಂದಲೇ ಒಳಗೆ ತಳ್ಳಿದ. ಅವನ ಹದಿನಾರನೇ ಗೋಲು. ಹಸಿರು ಅಡಿಕೆಗಳು ಎಲ್ಲಿದ್ದವು, ಯಾವುದು ಒಂದು ಹೆಜ್ಜೆ ತಡವಾಯಿತು ಎಂದು ಒಂದೊಂದಾಗಿ ಸರಿಸಿ ತೋರಿಸಿದೆ. ಸೋಲು ಹಳೆಯದಾಗಿತ್ತು, ಆದರೂ ಹಿಂದಿನ ರಾತ್ರಿಗಿಂತ ಹೆಚ್ಚು ಜನ ಸುತ್ತ ನೆರೆದಿದ್ದರು.

ಅಲ್ಲಿಂದ ಇದು ರೂಢಿಯಾಯಿತು. 2017ರಲ್ಲಿ ಬೆಂಗಳೂರು ತಜಿಕಿಸ್ತಾನದ ಇಸ್ತಿಕ್ಲೋಲ್ ಎದುರು ಸೋತದ್ದನ್ನು ಹೇಳಿದೆ. ಆ ಮುಖಾಮುಖಿಯಲ್ಲಿ ಎರಡು ಪಂದ್ಯ, ಅವರಲ್ಲಿ 0-1, ಇಲ್ಲಿ 2-2. ನೆಂಟರ ಮನೆಯಲ್ಲಿ ಹೊಡೆದ ಗೋಲಿಗೆ ತೂಕ ಹೆಚ್ಚು ಎಂಬ ಅಂದಿನ ನಿಯಮವನ್ನು ವಿವರಿಸಬೇಕಾಗಿಯೇ ಬರಲಿಲ್ಲ, ಒಟ್ಟು ಲೆಕ್ಕದಲ್ಲೇ ಸೋತಿತ್ತು. ಈ ಕೆಲಸಕ್ಕೆ ಕೈ ಹಾಕುವವರಿಗೆ ನಾನು ಹೇಳುವುದು ಇಷ್ಟು: ಹೆಸರುಗಳನ್ನು ಹಿಂದಿನ ದಿನವೇ ಗಟ್ಟಿಯಾಗಿ ಓದಿ ಬಾಯಿಗೆ ತಂದುಕೊಳ್ಳಿ, ದ್ವಿತೀಯಾರ್ಧದಲ್ಲಿ ತಂಡಗಳು ದಿಕ್ಕು ಬದಲಿಸುವುದನ್ನು ಶುರುವಿನಲ್ಲೇ ಎರಡು ಸಲ ಹೇಳಿ, ಮತ್ತು ಇನ್‌ವರ್ಟರ್ ಇಟ್ಟುಕೊಳ್ಳಿ. ಮಾವ ಮರುವರ್ಷವೇ ಒಂದನ್ನು ತಂದರು.

2024ರಲ್ಲಿ ಪಂದ್ಯಾವಳಿಯ ಹೆಸರೇ ಬದಲಾಯಿತು. ಈಗ ಅದು ಎಎಫ್‌ಸಿ ಚಾಂಪಿಯನ್ಸ್ ಲೀಗ್ ಟೂ. ಮೇಲೆ ಎಲೈಟ್, ಕೆಳಗೆ ಚಾಲೆಂಜ್ ಲೀಗ್, ನಡುವೆ ಇದು. ಹೊಸ ಹೆಸರಿನ ಮೊದಲ ಕಪ್ ಶಾರ್ಜಾಗೆ ಹೋಯಿತು. ಅಂಗಳದಲ್ಲಿ ಮಾತ್ರ ಇನ್ನೂ ‘ಆ ಎರಡನೇ ಕಪ್’ ಎಂದೇ ಹೇಳುತ್ತಾರೆ.

2025ರ ಅಕ್ಟೋಬರ್ 22 ಬಲಿಪಾಡ್ಯಮಿ. ಬೆಳಗ್ಗೆ ಗೋಪೂಜೆ, ಸಂಜೆ ಗೋವಾದ ಫತೋರ್ಡಾದಲ್ಲಿ ಎಫ್‌ಸಿ ಗೋವಾ ಮತ್ತು ಸೌದಿಯ ಅಲ್-ನಸ್ರ್ ಪಂದ್ಯ. ರೊನಾಲ್ಡೊ ತಂಡದೊಡನೆ ಬರಲಿಲ್ಲ ಎಂದು ಹುಡುಗರ ಮುಖ ಬಾಡಿತ್ತು. ಹಬ್ಬದ ದಿನ ಯಾರ ಎದುರೂ ಮೆಟ್ಟುಗತ್ತಿ ಇರಲಿಲ್ಲ, ಎಲ್ಲರೂ ಟಿವಿಯನ್ನೇ ನೋಡಬಹುದಿತ್ತು. ನಾನು ಸುಮ್ಮನೆ ಕೂತೆ. ಐದು ನಿಮಿಷ ಕಳೆಯಲಿಲ್ಲ, ಅಕ್ಕ ಹಿಂತಿರುಗಿ, ‘ಹೇಳಿ ಮೇಷ್ಟ್ರೇ, ಹೀಗೆ ನೋಡಿದರೆ ನಮಗೆ ಗೊತ್ತಾಗುವುದಿಲ್ಲ’ ಎಂದರು. ಧ್ವನಿ ತಗ್ಗಿಸಿ ಶುರು ಮಾಡಿದೆ. ಅರ್ಧ ಗಂಟೆಯೊಳಗೆ ಅಲ್-ನಸ್ರ್‌ಗೆ ಎರಡು ಗೋಲು. ವಿರಾಮಕ್ಕೆ ಮುನ್ನ ಗೋವಾದ ಬ್ರೈಸನ್ ಫೆರ್ನಾಂಡಿಸ್ ಒಂದು ಹಿಂದಿರುಗಿಸಿದ. ಜಗಲಿ ಪೂರ್ತಿ ಎದ್ದು ನಿಂತಿತು.

ಇನ್ನೇನು ಹತ್ತು ನಿಮಿಷ ಉಳಿದಿದೆ ಎನ್ನುವಾಗ ದಣಪೆಯ ಆಚೆ, ದೀಪಾವಳಿಯಲ್ಲಿ ಮನೆಮನೆಗೆ ಹಾಡುತ್ತ ಬರುವ ಅಂಟಿಗೆ-ಪಂಟಿಗೆಯವರ ಹಾಡು ಕೇಳಿಸಿತು, ದೀಪ ಹೊತ್ತು ಬರುತ್ತಿದ್ದರು. ದೀಪ ಬಂದಾಗ ಮನೆಯವರು ಬೇರೆ ಕಡೆ ಮುಖ ಮಾಡಿ ಕೂರುವಂತಿಲ್ಲ. ಎಲ್ಲರೂ ಬಾಗಿಲಿಗೆ ಹೋದರು, ನಾನೂ ಮಾತು ನಿಲ್ಲಿಸಿದೆ. ಹಾಡಿನ ನಡುವೆ ಉಸಿರು ತೆಗೆದುಕೊಳ್ಳಲು ನಿಂತ ಹಾಡುಗಾರನೊಬ್ಬ ಟಿವಿಯ ಬೆಳಕು ಕಂಡು, ‘ಗೋವಾದವರು ಈಗ ಯಾವ ಕಡೆ?’ ಎಂದು ಮೆಲ್ಲಗೆ ಕೇಳಿದ. ದೀಪಕ್ಕೆ ಎಣ್ಣೆ ಎರೆಯುತ್ತಿದ್ದ ಅಕ್ಕ ತಲೆ ಎತ್ತದೆ, ‘ತೋಟದ ಕಡೆಗೆ’ ಎಂದರು.